ಜೋರಾದ ರಮ್, ಬಣ್ಣದ ಗ್ಲಾಸು: ಮನೆಯಲ್ಲೇ ಹರಿಕೇನ್ ಕಾಕ್‌ಟೇಲ್

ರಮ್ ಕಾಕ್‌ಟೇಲ್ ಮಾಡೋಣ ಅಂದ ಕೂಡಲೇ ಎಲ್ಲರೂ ಕೇಳುವುದು ಒಂದೇ ಮಾತು: ಯಾವ ರಮ್ ತರಬೇಕು? ಕೇಳಬೇಕಾದ್ದು ಬೇರೆ ಇದೆ. ತಾಜಾ ನಿಂಬೆಹಣ್ಣು ಇದೆಯಾ? ಐಸ್ ಸಾಕಷ್ಟಿದೆಯಾ? ಅಳೆಯಲು ಏನಾದರೂ ಇದೆಯಾ? ಈ ಮೂರು ಸರಿಯಿದ್ದರೆ ಸಾಧಾರಣ ರಮ್‌ನಲ್ಲೂ ಒಳ್ಳೆಯ ಕಾಕ್‌ಟೇಲ್ ಆಗುತ್ತದೆ. ಇಲ್ಲದಿದ್ದರೆ ದುಬಾರಿ ಬಾಟಲಿಯೂ ಕೈಕೊಡುತ್ತದೆ.

ಇವತ್ತು ಮಾಡಲು ಹೊರಟಿರುವುದು ಹರಿಕೇನ್. ಕೆಂಪು, ಕಿತ್ತಳೆ ಬಣ್ಣದ, ಹುಳಿ ಸಿಹಿಯ, ಸುಮ್ನೆ ಜ್ಯೂಸ್ ಅನ್ನಿಸುವ ಆದರೆ ಖಂಡಿತ ಜ್ಯೂಸ್ ಅಲ್ಲದ ಪಾನೀಯ. ಇದು ಹೆಸರು ಮಾಡಿದ್ದು ಅಮೆರಿಕದ ನ್ಯೂ ಆರ್ಲಿಯನ್ಸ್ ನಗರದ ಪ್ಯಾಟ್ ಓಬ್ರಿಯನ್ಸ್ ಎಂಬ ಬಾರ್‌ನಲ್ಲಿ, 1940ರ ದಶಕದಲ್ಲಿ. ಎರಡನೇ ಮಹಾಯುದ್ಧದ ಕಾಲ ಅದು. ಡಿಸ್ಟಿಲರಿಗಳು ಯುದ್ಧಕ್ಕೆ ಬೇಕಾದ ಆಲ್ಕೋಹಾಲ್ ತಯಾರಿಸುತ್ತಿದ್ದವು, ಹಾಗಾಗಿ ವಿಸ್ಕಿಗೆ ತತ್ವಾರ. ಕೆರಿಬಿಯನ್ ದ್ವೀಪಗಳಿಂದ ಬರುವ ರಮ್ ಮಾತ್ರ ಧಾರಾಳ. ನಿಮಗೆ ವಿಸ್ಕಿ ಬೇಕಾ, ಹಾಗಾದರೆ ಇಷ್ಟು ಪೆಟ್ಟಿಗೆ ರಮ್ ಕೂಡ ತಗೊಳ್ಳಿ ಎಂದು ಸಗಟು ವ್ಯಾಪಾರಿಗಳು ಬಾರ್‌ನವರ ತಲೆಗೆ ಕಟ್ಟುತ್ತಿದ್ದರಂತೆ. ಹೀಗೆ ರಾಶಿ ಬಿದ್ದ ರಮ್ ಖಾಲಿ ಮಾಡಲು ಹುಟ್ಟಿದ ಉಪಾಯ ಇದು ಅಂತ ಕತೆ. ಕೊಡುತ್ತಿದ್ದ ಗ್ಲಾಸು ಹರಿಕೇನ್ ಲಾಂದ್ರದ ಗಾಜಿನ ಬುರುಡೆಯ ಆಕಾರದ್ದು. ಹೆಸರು ಅಲ್ಲಿಂದಲೇ ಬಂತು.

ಹಳೆಯ ಅಳತೆ ತೀರಾ ಸರಳ. ರಮ್ 120 ಮಿ.ಲೀ., ನಿಂಬೆರಸ 60, ಪ್ಯಾಷನ್ ಫ್ರೂಟ್ ಸಿರಪ್ 60. ಅಷ್ಟೇ. ಒಂದೇ ಗ್ಲಾಸಿಗೆ 120 ಮಿ.ಲೀ. ರಮ್ ಅಂದರೆ ಜಾಸ್ತಿ ಆಯಿತು, ಅಲ್ವಾ? ಆದ್ದರಿಂದ ಇಲ್ಲಿ 90ಕ್ಕೆ ಇಳಿಸಿದ್ದೇನೆ. ಅದೂ ಸಣ್ಣದೇನಲ್ಲ.

ಬೇಕಾಗುವ ಸಾಮಾನು (ಒಂದು ಗ್ಲಾಸಿಗೆ)

ಬಿಳಿ ರಮ್ 45 ಮಿ.ಲೀ.
ಡಾರ್ಕ್ ರಮ್ 45 ಮಿ.ಲೀ.
ಪ್ಯಾಷನ್ ಫ್ರೂಟ್ ಸಿರಪ್ 30 ಮಿ.ಲೀ.
ಆಗಷ್ಟೇ ಹಿಂಡಿದ ಕಿತ್ತಳೆ ರಸ 30 ಮಿ.ಲೀ.
ಆಗಷ್ಟೇ ಹಿಂಡಿದ ನಿಂಬೆರಸ 30 ಮಿ.ಲೀ.
ಗ್ರೆನಡಿನ್, ಅಂದರೆ ದಾಳಿಂಬೆ ಸಿರಪ್, 10 ಮಿ.ಲೀ.
ಐಸ್, ನೀವು ಅಂದುಕೊಂಡದ್ದಕ್ಕಿಂತ ಎರಡು ಪಟ್ಟು

ಎರಡು ಬಗೆಯ ರಮ್ ಯಾಕೆ? ಬಿಳಿ ರಮ್ ಹಗುರ. ಹಣ್ಣಿನ ರುಚಿಗೆ ಅಡ್ಡ ಬರುವುದಿಲ್ಲ. ಡಾರ್ಕ್ ರಮ್‌ನಲ್ಲಿ ಕಾಕಂಬಿಯ, ಸುಟ್ಟ ಸಕ್ಕರೆಯ ವಾಸನೆ ಇರುತ್ತದೆ. ಅಷ್ಟು ಹುಳಿ, ಅಷ್ಟು ಸಿಹಿಯ ನಡುವೆಯೂ ಇದರಲ್ಲಿ ರಮ್ ಇದೆ ಅಂತ ಗೊತ್ತಾಗುವುದು ಅದರಿಂದಲೇ. ಒಂದೇ ಬಾಟಲಿ ಕೊಳ್ಳುವುದಾದರೆ ಡಾರ್ಕ್ ರಮ್ ತನ್ನಿ. 151 ಪ್ರೂಫ್ ಎಂದು ಬರೆದಿರುವ ಬಾಟಲಿಯ ತಂಟೆಗೆ ಹೋಗಬೇಡಿ. ಅದರಲ್ಲಿ ಆಲ್ಕೋಹಾಲ್ ಶೇ 75.5ರಷ್ಟು. ಬೆಂಕಿ ಹಚ್ಚಿ ತೋರಿಸುವ ವಿಡಿಯೊಗಳಲ್ಲಿ ಕಾಣುವುದು ಇಂಥದ್ದೇ. ಮನೆಯಲ್ಲಿ ಆ ಆಟ ಬೇಡವೇ ಬೇಡ.

ಮೊದಲು ಸಿರಪ್‌ಗಳು

ಹಿಂದಿನ ದಿನವೇ ಮಾಡಿಟ್ಟುಕೊಂಡರೆ ಒಳ್ಳೆಯದು. ಕಾಕ್‌ಟೇಲ್‌ನ ಅರ್ಧ ರುಚಿ, ಪೂರ್ತಿ ಬಣ್ಣ ಇಲ್ಲೇ ತೀರ್ಮಾನವಾಗುವುದು.

ಗ್ರೆನಡಿನ್ ಹೆಸರಿನಲ್ಲಿ ಸಿಗುವ ಅಗ್ಗದ ಬಾಟಲಿಗಳಲ್ಲಿ ಎಷ್ಟೋ ಸಲ ದಾಳಿಂಬೆಯೇ ಇರುವುದಿಲ್ಲ. ಸಕ್ಕರೆ, ಕೆಂಪು ಬಣ್ಣ, ಒಂದಿಷ್ಟು ಎಸೆನ್ಸ್. ಮನೆಯಲ್ಲಿ ಮಾಡುವುದು ಕಷ್ಟವೇನಲ್ಲ. 200 ಮಿ.ಲೀ. ದಾಳಿಂಬೆ ರಸಕ್ಕೆ 200 ಗ್ರಾಂ ಸಕ್ಕರೆ ಹಾಕಿ, ಸಣ್ಣ ಉರಿಯಲ್ಲಿ ಬಿಸಿ ಮಾಡಿ. ಸಕ್ಕರೆ ಕರಗಿದ ತಕ್ಷಣ ಇಳಿಸಿ. ಕುದಿಸಬೇಡಿ. ಕುದಿದರೆ ತಾಜಾ ಹಣ್ಣಿನ ರುಚಿ ಹೋಗಿ ಜಾಮ್ ಥರ ಆಗುತ್ತದೆ, ಬಣ್ಣವೂ ಕಂದಾಗುತ್ತದೆ. ಇಳಿಸಿದ ಮೇಲೆ ಅರ್ಧ ಚಮಚ ನಿಂಬೆರಸ ಹಾಕಿ. ದಾಳಿಂಬೆಯ ಕೆಂಪು ಬಣ್ಣಕ್ಕೆ ಹುಳಿ ಅಂದರೆ ಪ್ರೀತಿ. ಹುಳಿ ಬಿದ್ದ ಕೂಡಲೇ ಕೆಂಪು ಎದ್ದು ಕಾಣುತ್ತದೆ.

ಪ್ಯಾಷನ್ ಫ್ರೂಟ್ ಸಿರಪ್‌ಗೆ ಹಣ್ಣುಗಳನ್ನು ಅಡ್ಡಕ್ಕೆ ಕತ್ತರಿಸಿ, ತಿರುಳನ್ನು ಚಮಚದಿಂದ ತೆಗೆಯಿರಿ. ಸಿಪ್ಪೆ ಸುಕ್ಕಾಗಿರುವ ಹಣ್ಣು ಹಾಳಾಗಿದೆ ಅಂತ ಬಿಸಾಡಬೇಡಿ, ಅದೇ ಹೆಚ್ಚು ಮಾಗಿರುವುದು. ತಿರುಳಿನಷ್ಟೇ ತೂಕದ ಸಕ್ಕರೆ, ಅದರ ಅರ್ಧದಷ್ಟು ನೀರು ಸೇರಿಸಿ ಸಣ್ಣಗೆ ಬಿಸಿ ಮಾಡಿ. ಸಕ್ಕರೆ ಕರಗಿದ ಮೇಲೆ ಸೋಸಿ, ಚಮಚದ ಬೆನ್ನಿನಿಂದ ಒತ್ತಿ ರಸ ಇಳಿಸಿ. ಮಿಕ್ಸಿಗೆ ಹಾಕುವ ಆಸೆಯಾಗುತ್ತದೆ, ಹಾಕಬೇಡಿ. ಬೀಜ ಒಡೆದರೆ ಕಪ್ಪು ಚುಕ್ಕಿಗಳ ಜೊತೆ ಕಹಿಯೂ ಬರುತ್ತದೆ. ಹಣ್ಣು ಸಿಗದಿದ್ದರೆ ಅಂಗಡಿಯ ಪಲ್ಪ್ ಆದೀತು. ಆದರೆ ಅದರಲ್ಲಿ ಮೊದಲೇ ಸಕ್ಕರೆ ಇದೆಯಾ ಅಂತ ಲೇಬಲ್ ಓದಿ, ನಿಮ್ಮ ಸಕ್ಕರೆಯನ್ನು ಅದಕ್ಕೆ ತಕ್ಕಂತೆ ಕಡಿಮೆ ಮಾಡಿ.

ಎರಡನ್ನೂ ಪೂರ್ತಿ ತಣ್ಣಗಾಗಿಸಿ, ಸ್ವಚ್ಛ ಬಾಟಲಿಗೆ ಹಾಕಿ ಫ್ರಿಜ್‌ನಲ್ಲಿಡಿ. ಬೆಚ್ಚಗಿನ ಸಿರಪ್ ಶೇಕರ್‌ಗೆ, ಅಂದರೆ ಕಾಕ್‌ಟೇಲ್ ಅಲುಗಾಡಿಸುವ ಮುಚ್ಚಳದ ಪಾತ್ರೆಗೆ, ಬಿದ್ದರೆ ಐಸ್ ಕರಗಿ ಎಲ್ಲ ನೀರುನೀರು.

ಅಳೆಯುವುದು

ಕಣ್ಣಂದಾಜು ಬೇಡ. ಜಿಗ್ಗರ್, ಅಂದರೆ ಬಾರ್‌ನವರು ಅಳೆಯಲು ಬಳಸುವ ಪುಟ್ಟ ಕಪ್, ಇಲ್ಲದಿದ್ದರೆ ಔಷಧಿ ಬಾಟಲಿಯ ಜೊತೆ ಬರುವ, ಮಿ.ಲೀ. ಗೆರೆ ಇರುವ ಪುಟ್ಟ ಕಪ್ ಚೆನ್ನಾಗಿ ತೊಳೆದು ಬಳಸಿ. ಅಡುಗೆಯ 1 ಟೇಬಲ್ ಚಮಚ ಅಂದರೆ 15 ಮಿ.ಲೀ., ಅದೂ ನಡೆಯುತ್ತದೆ. ನಿಂಬೆರಸದಲ್ಲಿ 10 ಮಿ.ಲೀ. ಹೆಚ್ಚುಕಮ್ಮಿಯಾದರೂ ನಾಲಿಗೆಗೆ ಗೊತ್ತಾಗುತ್ತದೆ. ರಮ್‌ನಲ್ಲಿ ಹೆಚ್ಚುಕಮ್ಮಿಯಾದರೆ ನಾಲಿಗೆಗೆ ಗೊತ್ತಾಗುವುದಿಲ್ಲ, ಅರ್ಧ ಗಂಟೆಯ ಮೇಲೆ ತಲೆಗೆ ಗೊತ್ತಾಗುತ್ತದೆ.

ಶೇಕರ್‌ಗೆ ಮೊದಲು ನಿಂಬೆರಸ ಹಾಕಿ. ಆಮೇಲೆ ಕಿತ್ತಳೆ ರಸ, ಪ್ಯಾಷನ್ ಫ್ರೂಟ್ ಸಿರಪ್. ರಮ್ ಕೊನೆಗೆ. ಬಾರ್‌ಗಳಲ್ಲಿ ಎಷ್ಟೋ ಜನ ಹೀಗೇ ಮಾಡುತ್ತಾರೆ, ಕಾರಣವೂ ಸರಿಯಾಗಿದೆ: ನಡುವೆ ಅಳತೆ ತಪ್ಪಿದರೆ ಚೆಲ್ಲಬೇಕಾಗುವುದು ನಿಂಬೆರಸ ಮಾತ್ರ, ರಮ್ ಅಲ್ಲ. ಗ್ರೆನಡಿನ್ ಈಗ ಬೇಡ, ಪಕ್ಕಕ್ಕಿಡಿ.

ಶೇಕರ್ ಇಲ್ಲವಾ? ಬಿಗಿ ಮುಚ್ಚಳದ ದೊಡ್ಡ ಜಾಡಿ ಸಾಕು. ಸೋರುತ್ತದೆಯೇ ಅಂತ ಮೊದಲು ನೀರು ಹಾಕಿ ನೋಡಿ. ಗೋಡೆಗೆ ಸಿರಪ್ ಸಿಡಿದರೆ ಒರೆಸುವುದು ರೇಜಿಗೆ.

ಅಲುಗಾಡಿಸುವುದು

ಐಸ್ ಕೊನೆಯಲ್ಲಿ. ಜಾಡಿಯ ಮುಕ್ಕಾಲು ಭಾಗ ತುಂಬುವಷ್ಟು, ಫ್ರೀಜರ್‌ನಿಂದ ನೇರವಾಗಿ ತೆಗೆದ ಗಟ್ಟಿ ಐಸ್. ಹೊರಗಿಟ್ಟು ಒದ್ದೆಯಾದ ಐಸ್‌ನ ಮೈಮೇಲೆ ಆಗಲೇ ನೀರಿರುತ್ತದೆ, ಅದೆಲ್ಲ ನಿಮ್ಮ ಕಾಕ್‌ಟೇಲ್‌ಗೆ ಸೇರುತ್ತದೆ. ನಾಲ್ಕೇ ನಾಲ್ಕು ತುಂಡು ಹಾಕಿದರೆ ನೀರು ಕಡಿಮೆಯಾದೀತು ಅಂದುಕೊಳ್ಳುವವರಿದ್ದಾರೆ. ಆಗುವುದು ತದ್ವಿರುದ್ಧ. ನಾಲ್ಕು ತುಂಡು ಬೇಗ ಕರಗುತ್ತದೆ, ಪಾನೀಯ ಮಾತ್ರ ತಣ್ಣಗಾಗುವುದಿಲ್ಲ.

ಮುಚ್ಚಳ ಹಾಕಿ, ಎರಡೂ ಕೈಯಲ್ಲಿ ಹಿಡಿದು 12ರಿಂದ 15 ಸೆಕೆಂಡ್ ಜೋರಾಗಿ ಅಲುಗಾಡಿಸಿ. ನಾಚಿಕೆ ಬೇಡ. ಹೊರಮೈ ಮಂಜುಗಟ್ಟಿ ಕೈ ಕೊರೆಯತೊಡಗಿದರೆ ಆಯಿತು ಅಂತ ಅರ್ಥ. ಈ ಹೊತ್ತಿಗೆ ಸುಮಾರು 40ರಿಂದ 50 ಮಿ.ಲೀ. ನೀರು ಕರಗಿ ಒಳಗೆ ಸೇರಿರುತ್ತದೆ. ಅದು ಬೇಕು. ಆ ನೀರಿಲ್ಲದಿದ್ದರೆ ರಮ್ ಗಂಟಲು ಸುಡುತ್ತದೆ, ಹುಳಿ ಚುಚ್ಚುತ್ತದೆ.

ಈಗ ಒಂದು ಹನಿ ರುಚಿ ನೋಡಿ. ಸಿಹಿ ಮುಂದಾಗಿದ್ದರೆ 5 ಮಿ.ಲೀ. ನಿಂಬೆರಸ. ಹುಳಿ ಮುಂದಾಗಿದ್ದರೆ ಅಷ್ಟೇ ಸಿರಪ್, ಆದರೆ ಗ್ರೆನಡಿನ್ ಇನ್ನೂ ಬರಬೇಕಿದೆ ಅನ್ನುವುದು ನೆನಪಿರಲಿ. ರಮ್ ಘಾಟು ಅನ್ನಿಸಿದರೆ ಜ್ಯೂಸ್ ಸುರಿಯಬೇಡಿ, ಇನ್ನೂ ಐದು ಸೆಕೆಂಡ್ ಅಲುಗಾಡಿಸಿ. ಏನೋ ಸಪ್ಪೆ, ಏನು ಅಂತ ಗೊತ್ತಾಗುತ್ತಿಲ್ಲ ಅನ್ನಿಸಿದರೆ ನಾಲ್ಕು ಹರಳು ಉಪ್ಪು ಹಾಕಿ ನೋಡಿ. ಉಪ್ಪಿನ ರುಚಿ ಬರುವುದಿಲ್ಲ, ಹಣ್ಣಿನ ರುಚಿ ಎದ್ದು ಬರುತ್ತದೆ.

ಬಣ್ಣ ಬಿಡಿಸುವುದು

ಉದ್ದನೆಯ ಗ್ಲಾಸಿಗೆ ಹೊಸ ಐಸ್ ತುಂಬಿ. ಅಲುಗಾಡಿಸಿದ ಹಳೆಯ ಐಸ್ ಒಡೆದು ಸೋತಿರುತ್ತದೆ, ಅದನ್ನು ಚೆಲ್ಲಿಬಿಡಿ. ಕಾಕ್‌ಟೇಲನ್ನು ಜಾಲರಿಯಲ್ಲಿ ಸೋಸಿ ಗ್ಲಾಸಿಗೆ ಹಾಕಿ. ಈಗ ಗ್ರೆನಡಿನ್ ಅನ್ನು ಗ್ಲಾಸಿನ ಒಳಗೋಡೆಗೆ ತಾಗುವಂತೆ ನಿಧಾನವಾಗಿ ಇಳಿಬಿಡಿ. ಸಕ್ಕರೆ ಜಾಸ್ತಿ ಇರುವುದರಿಂದ ಅದು ಭಾರ, ನೇರ ತಳಕ್ಕೆ ಹೋಗಿ ಕೂರುತ್ತದೆ. ಅಲ್ಲಿಂದ ಕೆಂಪು ಮೇಲೇರುತ್ತಾ ಕಿತ್ತಳೆಗೆ ಬೆರೆಯುತ್ತದೆ.

ಮೇಲೊಂದು ಪದರ ಬೇಕೆಂದರೆ, 45 ಮಿ.ಲೀ. ಡಾರ್ಕ್ ರಮ್‌ನಲ್ಲಿ 15 ಮಿ.ಲೀ. ಮೊದಲೇ ಉಳಿಸಿಕೊಳ್ಳಿ. ಚಮಚವನ್ನು ಬೋರಲು ಹಿಡಿದು, ಅದರ ಬೆನ್ನ ಮೇಲೆ ರಮ್ ಸಣ್ಣಗೆ ಸುರಿಯಿರಿ. ಆಲ್ಕೋಹಾಲ್ ನೀರಿಗಿಂತ ಹಗುರ, ರಮ್‌ನಲ್ಲಿ ಸಕ್ಕರೆಯೂ ಅಷ್ಟಾಗಿ ಇರುವುದಿಲ್ಲ. ಹಾಗಾಗಿ ತೇಲುತ್ತದೆ. ತಳದಲ್ಲಿ ಕೆಂಪು, ನಡುವೆ ಕಿತ್ತಳೆ, ಮೇಲೆ ಕಡುಕಂದು. ಫೋಟೊ ತೆಗೆಯುವುದಿದ್ದರೆ ಈಗಲೇ ತೆಗೆಯಿರಿ. ಆಮೇಲೆ ದಯವಿಟ್ಟು ಕಲಕಿ. ಕಲಕದೆ ಸ್ಟ್ರಾದಿಂದ ಹೀರಿದರೆ ಮೊದಲ ಗುಟುಕು ಬರೀ ಸಿರಪ್, ಕೊನೆಗೆ ಬರೀ ರಮ್. ಬಣ್ಣ ಇನ್ನಷ್ಟು ಇರಲಿ ಅಂತ ನೀಲಿ ಕ್ಯೂರಸಾವ್ ಎಂಬ ಸಿಹಿ ಮದ್ಯ ಸೇರಿಸುವವರಿಗೆ ಒಂದು ಮಾತು: ಕೆಂಪು, ಕಿತ್ತಳೆಗೆ ನೀಲಿ ಬಿದ್ದರೆ ಬರುವುದು ಕೆಸರು ಬಣ್ಣ.

ಅಲಂಕಾರಕ್ಕೆ ಒಂದು ಕಿತ್ತಳೆ ಹೋಳು, ಒಂದು ಚೆರ್ರಿ. ಕಾಗದದ ಕೊಡೆ ಇದ್ದರೆ ಇರಲಿ, ಇಲ್ಲದಿದ್ದರೆ ನಷ್ಟವಿಲ್ಲ.

ಎಷ್ಟು ಜೋರು?

ಲೆಕ್ಕ ಹಾಕೋಣ. ಶೇ 40ರ ರಮ್ 90 ಮಿ.ಲೀ. ಅಂದರೆ ಶುದ್ಧ ಆಲ್ಕೋಹಾಲ್ 36 ಮಿ.ಲೀ., ತೂಕದಲ್ಲಿ ಸುಮಾರು 28 ಗ್ರಾಂ. ಕರಗಿದ ಐಸ್ ಸೇರಿ ಪಾನೀಯ ಒಟ್ಟು 235 ಮಿ.ಲೀ. ಆಸುಪಾಸು. ಅಂದರೆ ಶೇ 15ರಷ್ಟು ಆಲ್ಕೋಹಾಲ್, ಸಾಮಾನ್ಯ ವೈನ್‌ಗಿಂತ ಒಂದು ಕೈ ಮೇಲು. ವೈನನ್ನು ಗುಟುಕು ಗುಟುಕಾಗಿ ಕುಡಿಯುತ್ತೇವೆ. ಇದನ್ನು ಬಾಯಾರಿದವರು ಹತ್ತು ನಿಮಿಷದಲ್ಲಿ ಮುಗಿಸಿಬಿಡುತ್ತಾರೆ. ತಂಪು, ಸಿಹಿ, ಹುಳಿ ಮೂರೂ ಸೇರಿ ರಮ್‌ನ ಖಾರವನ್ನು ಮುಚ್ಚಿಹಾಕುವುದರಿಂದ ಹೀಗಾಗುತ್ತದೆ.

28 ಗ್ರಾಂ ಆಲ್ಕೋಹಾಲ್ ಕರಗಿಸಲು ದೇಹಕ್ಕೆ ಹೆಚ್ಚುಕಮ್ಮಿ ಮೂರು ಗಂಟೆ ಬೇಕು, ಕೆಲವರಿಗೆ ಇನ್ನೂ ಜಾಸ್ತಿ. ಕಾಫಿ ಕುಡಿದರೂ ತಣ್ಣೀರು ಸ್ನಾನ ಮಾಡಿದರೂ ಅದು ಬೇಗ ಇಳಿಯುವುದಿಲ್ಲ. ಇದರ ನೆಂಟನಂತಿರುವ ಜಾಂಬಿ ಎಂಬ ರಮ್ ಕಾಕ್‌ಟೇಲ್ 1934ರ ಸುಮಾರಿಗೆ ಹಾಲಿವುಡ್‌ನ ಡಾನ್ ದ ಬೀಚ್‌ಕೋಂಬರ್ ಬಾರ್‌ನಲ್ಲಿ ಹುಟ್ಟಿತು. ಅದನ್ನು ಒಬ್ಬರಿಗೆ ಎರಡಕ್ಕಿಂತ ಹೆಚ್ಚು ಕೊಡುತ್ತಿರಲಿಲ್ಲ. ಹರಿಕೇನ್‌ಗೆ ನನ್ನ ನಿಯಮ ಒಂದೇ ಗ್ಲಾಸು. ಅದೂ ಹೊಟ್ಟೆಗೆ ಏನಾದರೂ ಬಿದ್ದ ಮೇಲೆ, ಪಕ್ಕದಲ್ಲಿ ನೀರಿಟ್ಟುಕೊಂಡು. ಗಾಡಿ ಓಡಿಸುವವರಿಗೆ, ಗರ್ಭಿಣಿಯರಿಗೆ, ಆಲ್ಕೋಹಾಲ್ ಜೊತೆ ಸೇರಬಾರದ ಮಾತ್ರೆ ನುಂಗುವವರಿಗೆ ಆ ಒಂದೂ ಬೇಡ. ಎರಡನೆಯದು ಬೇಕೇಬೇಕು ಅನ್ನುವವರು ಎರಡೂ ರಮ್ ಸೇರಿ 45 ಮಿ.ಲೀ.ಗೆ ಇಳಿಸಿ, ಮೇಲೆ ಸೋಡಾ ತುಂಬಿಸಿಕೊಳ್ಳಲಿ. ಸೋಡಾ ಗ್ಲಾಸಿಗೇ ಹಾಕಿ. ಶೇಕರ್‌ಗೆ ಹಾಕಿ ಅಲುಗಾಡಿಸಿದರೆ ಮುಚ್ಚಳ ಹಾರುತ್ತದೆ.

ಹತ್ತಾರು ಜನ ಬಂದರೆ

ಒಂದೊಂದೇ ಗ್ಲಾಸು ಅಲುಗಾಡಿಸುತ್ತಾ ನಿಂತರೆ ನಿಮ್ಮ ಸಂಜೆ ಅಲ್ಲೇ ಮುಗಿಯುತ್ತದೆ. ಜಗ್‌ನಲ್ಲಿ ಮಾಡಿಡಿ. 8 ಜನಕ್ಕೆ ಎರಡೂ ರಮ್ ತಲಾ 360 ಮಿ.ಲೀ., ಪ್ಯಾಷನ್ ಫ್ರೂಟ್ ಸಿರಪ್, ಕಿತ್ತಳೆ ರಸ, ನಿಂಬೆರಸ ತಲಾ 240. ಅಲುಗಾಡಿಸುವುದಿಲ್ಲವಲ್ಲ, ಐಸ್ ಕರಗಿ ಸೇರಬೇಕಿದ್ದ ನೀರನ್ನು ನೀವೇ ಹಾಕಬೇಕು: 300 ಮಿ.ಲೀ. ತಣ್ಣೀರು. ಇದನ್ನು ಮರೆತರೆ ಎಲ್ಲರಿಗೂ ಬೇಗ ಏರುತ್ತದೆ. ಕನಿಷ್ಠ ಮೂರು ಗಂಟೆ ಫ್ರಿಜ್‌ನಲ್ಲಿಡಿ. ನಿಂಬೆರಸವನ್ನು ಅದೇ ದಿನ ಹಿಂಡಿ, ಹಿಂದಿನ ದಿನದ್ದು ಮಂಕಾಗುತ್ತದೆ. ಜಗ್‌ಗೆ ಐಸ್ ಹಾಕಬೇಡಿ, ಗ್ಲಾಸಿಗೆ ಹಾಕಿ. ಗ್ರೆನಡಿನ್ ಕೂಡ ಗ್ಲಾಸಿಗೆ ಗ್ಲಾಸೇ, 10 ಮಿ.ಲೀ.

ಕುಡಿಯದವರಿಗೆ ಕೂಡ ಇದೇ ಗ್ಲಾಸು, ಇದೇ ಬಣ್ಣ ಕೊಡಬಹುದು. ರಮ್ ಬದಲು ಹಾಲಿಲ್ಲದ, ಸಕ್ಕರೆಯಿಲ್ಲದ ಕಡಕ್ ಚಹಾ ತಣ್ಣಗಾಗಿಸಿ 90 ಮಿ.ಲೀ. ಹಾಕಿ. ಚಹಾದ ಒಗರು ಸಿಹಿಯನ್ನು ಹಿಡಿತದಲ್ಲಿಡುತ್ತದೆ. ಬರೀ ಜ್ಯೂಸ್ ಕುಡಿದಂತೆ ಆಗುವುದಿಲ್ಲ. ರಮ್ ಇಲ್ಲದ ಈ ಜಗ್‌ಗೆ ಮಾತ್ರ ದೊಡ್ಡದಾಗಿ ಚೀಟಿ ಅಂಟಿಸಿ. ನೋಡಲು ಎರಡೂ ಒಂದೇ ಥರ ಇರುತ್ತವೆ.