ಚೀಲ ಕಟ್ಟಿ ನೋಡಿ, ಕಾಫಿ ಹೂವಿನ ಗುಟ್ಟು ತಿಳಿಯುತ್ತೆ

ಮಾರ್ಚ್‌ನಲ್ಲಿ ಕೊಡಗಿನ ಸಿದ್ದಾಪುರದ ಕಡೆ ಬಸ್ಸಿನಲ್ಲಿ ಹೋಗುವಾಗ ಕಣ್ಣು ಮುಚ್ಚಿಕೊಂಡೇ ಹೇಳಬಹುದು, ರೊಬಸ್ಟಾ ಕಾಫಿ ಅರಳಿದೆ ಅಂತ. ಅಷ್ಟು ಘಮ ಯಾಕೆ? ಜೇನನ್ನು ಕರೆಯಲು. ಜೇನು ಬಂದರೆ ಏನಾಗುತ್ತೆ, ಬಾರದಿದ್ದರೆ ಏನಾಗುತ್ತೆ ಎಂಬುದನ್ನು ನಿಮ್ಮ ತೋಟದಲ್ಲೇ ನೋಡಬಹುದು. ಹಳೆಯ ಪಂಚೆಯ ತುಂಡು, ಬಣ್ಣದ ದಾರ, ಒಂದು ಭೂತಗನ್ನಡಿ ಸಾಕು.

ಮೊಗ್ಗಿರುವಾಗಲೇ ಕಟ್ಟಿ

ಹೂಮಳೆಯೋ ಸ್ಪ್ರಿಂಕ್ಲರ್ ನೀರೋ ಬಿದ್ದ ಎಂಟು-ಹತ್ತು ದಿನಕ್ಕೆ ಹೂ ಅರಳುತ್ತದೆ. ಅದಕ್ಕೆ ಒಂದೆರಡು ದಿನ ಮೊದಲು, ಮೊಗ್ಗು ಸಣ್ಣ ಮೇಣದಬತ್ತಿಯಂತೆ ಬೆಳ್ಳಗಾದಾಗ, ಒಂದೇ ರೊಬಸ್ಟಾ ಗಿಡದಲ್ಲಿ ಒಂದೇ ತರಹದ ಮೂರು ರೆಂಬೆ ಆರಿಸಿಕೊಳ್ಳಿ. ಮೂರಕ್ಕೂ ಬೇರೆ ಬೇರೆ ಬಣ್ಣದ ದಾರ ಕಟ್ಟಿ. ಮೊಗ್ಗು ಎಣಿಸಿ ಬರೆದಿಡಿ. ಬೇಜಾರಿನ ಕೆಲಸ, ಆದರೆ ಎಣಿಸದಿದ್ದರೆ ಕೊನೆಗೆ ಹೋಲಿಸಲು ಏನೂ ಇರುವುದಿಲ್ಲ.

ಮೊದಲ ರೆಂಬೆಯನ್ನು ಹಾಗೇ ಬಿಡಿ. ಉಳಿದ ಎರಡಕ್ಕೆ ಬಟ್ಟೆ ಚೀಲ ತೊಡಿಸಿ, ಬಾಯಿ ಬಿಗಿಯಾಗಿ ಕಟ್ಟಿ. ಬಟ್ಟೆ ಒತ್ತಾಗಿ ನೇಯ್ದದ್ದಾಗಿರಲಿ. ನಾನು ಮೊದಲ ಸಲ ಸೊಳ್ಳೆಪರದೆ ಕಟ್ಟಿದ್ದೆ. ಜೇನು ಒಳಗೆ ಹೋಗಲಿಲ್ಲ, ಕಾಯಿ ಮಾತ್ರ ಕಟ್ಟಿತು! ರೊಬಸ್ಟಾ ಪರಾಗ ಗಾಳಿಯಲ್ಲೂ ಹಾರುತ್ತದೆ, ಪರದೆಯ ತೂತು ಅದಕ್ಕೆ ಹೆಬ್ಬಾಗಿಲು.

ಅರಳಿದ ದಿನ ಬೆಳಿಗ್ಗೆ

ಬೇರೊಂದು ರೊಬಸ್ಟಾ ಗಿಡದಿಂದ ಆಗಷ್ಟೇ ಅರಳಿದ ನಾಲ್ಕೈದು ಹೂ ಕಿತ್ತು ತನ್ನಿ. ಭೂತಗನ್ನಡಿಯಲ್ಲಿ ನೋಡಿ. ಎಸಳುಗಳ ನಡುವೆ ನಿಂತ ಕಡ್ಡಿಗಳೇ ಕೇಸರ, ಅವುಗಳ ಮೇಲಿನ ತಿಳಿ ಹಳದಿ ಪುಡಿ ಪರಾಗ. ಮಧ್ಯದಿಂದ ಹೊರಗೆ ಚಾಚಿದ, ತುದಿ ಎರಡಾಗಿ ಸೀಳಿದ ಎಳೆ ಹೆಣ್ಣು ಭಾಗ. ಅದರ ಬುಡದಲ್ಲಿ ಅಂಡಾಶಯ, ಒಳಗೆ ಎರಡೇ ಎರಡು ಅಂಡ.

ಈಗ ಎರಡನೇ ರೆಂಬೆಯ ಚೀಲ ಬಿಚ್ಚಿ, ತಂದ ಹೂವಿನ ಕೇಸರವನ್ನು ಆ ರೆಂಬೆಯ ಹೂಗಳ ಸೀಳುತುದಿಗಳಿಗೆ ಮೆಲ್ಲಗೆ ಸವರಿ. ಜೇನಿನ ಕೆಲಸವನ್ನು ಸ್ವಲ್ಪ ಹೊತ್ತು ನೀವೇ ಮಾಡಿದಂತೆ. ನಮ್ಮ ಕಡೆ ಈ ಕೆಲಸಕ್ಕೆ ಜಾಸ್ತಿ ಬರುವುದು ಹೆಜ್ಜೇನು. ಸವರಿದ ಮೇಲೆ ಮತ್ತೆ ಚೀಲ ಕಟ್ಟಿ. ಮೂರನೆಯದನ್ನು ಮುಟ್ಟಲೇಬೇಡಿ. ಅವತ್ತೇ ಜೋರು ಮಳೆ ಬಂದು ಪರಾಗ ತೊಳೆದುಹೋದರೆ ಲೆಕ್ಕವೆಲ್ಲ ಎಡವಟ್ಟು, ಮುಂದಿನ ವರ್ಷ ನೋಡಬೇಕು.

ಒಳಗೆ ಏನಾಗುತ್ತದೆ?

ತುದಿಗೆ ಅಂಟಿದ ಪರಾಗದ ಕಣ ಬೀಜದಂತೆ ಮೊಳೆಯುತ್ತದೆ. ಅದರಿಂದ ಕೂದಲಿಗಿಂತ ತೆಳುವಾದ ಕೊಳವೆ ಹೊರಟು, ಎಳೆಯೊಳಗೆ ದಾರಿ ಮಾಡಿಕೊಂಡು ಅಂಡದವರೆಗೆ ಇಳಿಯುತ್ತದೆ. ಆ ಕೊಳವೆಯಲ್ಲಿ ಎರಡು ಗಂಡು ಕೋಶ. ಒಂದು ಅಂಡಕೋಶದ ಜೊತೆ ಸೇರಿ ಭ್ರೂಣವಾಗುತ್ತದೆ, ಅಂದರೆ ನಾಳೆಯ ಗಿಡ. ಇನ್ನೊಂದು ಪಕ್ಕದ ಕೋಶದ ಜೊತೆ ಸೇರಿ ಆ ಭ್ರೂಣಕ್ಕೆ ಬುತ್ತಿ ಕಟ್ಟುತ್ತದೆ. 1898ರಲ್ಲಿ ಇದನ್ನು ಮೊದಲು ತಿಳಿಸಿದವನು ರಷ್ಯಾದ ಸಸ್ಯವಿಜ್ಞಾನಿ ಸೆರ್ಗೆಯ್ ನವಾಶಿನ್. ನಾವು ಹುರಿದು ಪುಡಿ ಮಾಡುವ ಕಾಫಿಬೀಜ ಬಹುಪಾಲು ಆ ಬುತ್ತಿಯೇ. ಗಿಡ ಮರಿಗೆ ಕಟ್ಟಿದ ಬುತ್ತಿಯನ್ನು ನಾವು ಬೆಳಿಗ್ಗೆ ಫಿಲ್ಟರ್‌ಗೆ ಹಾಕುತ್ತೇವೆ!

ಬಿಚ್ಚಿ, ಎಣಿಸಿ

ಎಸಳು ಒಣಗಿ ಉದುರಿದ ಮೇಲೆ ಚೀಲ ತೆಗೆಯಿರಿ, ದಾರ ಇರಲಿ. ರೊಬಸ್ಟಾ ಕಾಯಿ ಕೆಲವು ವಾರ ಗುಂಡುಸೂಜಿ ತಲೆಯಷ್ಟೇ ಇರುತ್ತದೆ, ಅವಸರ ಬೇಡ. ಮುಂಗಾರು ಹಿಡಿದ ಮೇಲೆ ಎಣಿಸಿ. ಸುಮ್ನೆ ಚೀಲ ಕಟ್ಟಿಟ್ಟ ಮೂರನೇ ರೆಂಬೆಯಲ್ಲಿ ಕಾಯಿ ತೀರಾ ಕಡಿಮೆ ಇರುತ್ತದೆ. ಒಳಗೆ ಪರಾಗಕ್ಕೇನೂ ಬರವಿರಲಿಲ್ಲ, ಅಲ್ವಾ? ಆದರೆ ರೊಬಸ್ಟಾ ತನ್ನದೇ ಪರಾಗವನ್ನು ಒಪ್ಪುವುದಿಲ್ಲ, ಆ ಕೊಳವೆಯನ್ನು ಅರ್ಧದಲ್ಲೇ ತಡೆಯುತ್ತದೆ. ಅದಕ್ಕೆ ಬೇರೆ ಗಿಡದ ಪರಾಗವೇ ಆಗಬೇಕು. ಕಾಫಿಯ ಇನ್ನೊಂದು ಜಾತಿಯಾದ ಅರೇಬಿಕಾಗೆ ಹೀಗೇ ಚೀಲ ಕಟ್ಟಿ ನೋಡಿ, ಒಳಗೂ ಚೆನ್ನಾಗಿಯೇ ಕಾಯಿ ಹಿಡಿಯುತ್ತದೆ. ಅದಕ್ಕೆ ತನ್ನ ಪರಾಗವೇ ಸಾಕು. ಹಾಗಾಗಿ ರೊಬಸ್ಟಾ ತೋಟದವರು ಹೂವಿನ ದಿನಗಳಲ್ಲಿ ಕೀಟನಾಶಕ ಹೊಡೆದು ಜೇನನ್ನು ಕೊಲ್ಲುವುದು ತಮ್ಮ ಕಾಲಿಗೆ ತಾವೇ ಕೊಡಲಿ ಹಾಕಿಕೊಂಡಂತೆ.

ಹಣ್ಣಾದಾಗ ದಾರ ಕಟ್ಟಿದ ರೆಂಬೆಗಳ ಹಣ್ಣನ್ನು ಬೇರೆಯಾಗಿ ಕೊಯ್ದು ಹಿಸುಕಿ ನೋಡಿ. ಎರಡು ಚಪ್ಪಟೆ ಬೀಜ ಇದ್ದರೆ ಎರಡು ಪರಾಗದ ಕಣ ಕೆಳಗಿನವರೆಗೂ ಮುಟ್ಟಿವೆ ಎಂದರ್ಥ. ಒಂದೇ ಗುಂಡು ಬೀಜ, ಅಂದರೆ ಪೀಬೆರಿ ಸಿಕ್ಕಿತೇ? ಅಲ್ಲಿ ಒಂದು ಅಂಡಕ್ಕೆ ಪರಾಗ ತಲುಪಿಲ್ಲ, ಇಲ್ಲವೇ ತಲುಪಿದ ಮೇಲೆ ಅದು ಬೆಳೆದಿಲ್ಲ. ಖಾಲಿ ಜಾಗವನ್ನೂ ಇನ್ನೊಂದು ಬೀಜವೇ ಆಕ್ರಮಿಸಿಕೊಂಡು ಉರುಟಾಗಿದೆ.