ಮುದ್ದೆಮಾಲು ಪಟ್ಟಿ ಹಿಡಿದು ಕೊಲೆ ಪುಸ್ತಕ ಬರೆದದ್ದು: ನನ್ನ ಅನುಭವ

ಮುದ್ದೆಮಾಲು ಅಂದರೆ ಪ್ರಕರಣದಲ್ಲಿ ಪೊಲೀಸರು ವಶಪಡಿಸಿಕೊಂಡು ಕೋರ್ಟಿಗೆ ಒಪ್ಪಿಸಿದ ವಸ್ತುಗಳು. ಪ್ರತಿ ಅಧ್ಯಾಯಕ್ಕೂ ಅಂಥ ಒಂದು ವಸ್ತು. ಸೈಕಲ್ಲಿಗೆ ಒಂದು, ಕೈಗಡಿಯಾರಕ್ಕೆ ಒಂದು, ಕಂಬಳಿಗೆ ಒಂದು. ಕೊಲೆ ಪ್ರಕರಣದ ಪುಸ್ತಕವನ್ನು ಹೀಗೆ ಬರೆಯುತ್ತೇನೆ ಅಂದಾಗ ನಕ್ಕವರೇ ಜಾಸ್ತಿ. ಒಬ್ಬ ಪ್ರಕಾಶಕರು ನೇರವಾಗಿ ಕೇಳಿದರು, ಕೊಲೆಗಾರ ಎಷ್ಟನೇ ಪುಟದಲ್ಲಿ ಬರುತ್ತಾನೆ ಅಂತ. ಅರವತ್ತರ ಆಸುಪಾಸು ಅಂದೆ. ಹಸ್ತಪ್ರತಿಯನ್ನು ತೆರೆಯದೇ ವಾಪಸ್ ಕೊಟ್ಟರು. ಈಗ ಎರಡನೇ ಮುದ್ರಣವೂ ಮುಗಿಯುತ್ತಾ ಬಂದಿದೆ, ಮುಂದಿನದ್ದು ಯಾವಾಗ ಅಂತ ಅವರೇ ಫೋನ್ ಮಾಡಿ ವಿಚಾರಿಸಿದರು. ಹಾಗಾಗಿ ಇದನ್ನು ಬರೆಯುವ ಧೈರ್ಯ ಬಂದಿದೆ.

ಎಫ್‌ಐಆರ್ (ಪೊಲೀಸರು ದಾಖಲಿಸುವ ಮೊದಲ ವರದಿ), ಮಹಜರು (ಸಾಕ್ಷಿಗಳ ಎದುರು ಸ್ಥಳ, ವಸ್ತು ನೋಡಿ ಬರೆಯುವ ವರದಿ), ಆರೋಪಪಟ್ಟಿ (ತನಿಖೆ ಮುಗಿಸಿ ಪೊಲೀಸರು ಕೋರ್ಟಿಗೆ ಕೊಡುವ ವರದಿ), ಇವುಗಳ ಬಗ್ಗೆ ಇಲ್ಲಿ ಇದಕ್ಕಿಂತ ಹೆಚ್ಚು ಹೇಳುವುದಿಲ್ಲ. ಈ ಕೆಲಸ ಮಾಡುವವರಿಗೆ ಅದು ಗೊತ್ತಿರುತ್ತೆ. ನಾವೆಲ್ಲ ಹಿಡಿಯುವ ದಾರಿಯೂ ಗೊತ್ತು: ಆರೋಪಪಟ್ಟಿ ಸಂಪಾದಿಸುವುದು, ಅದರೊಳಗಿನ ಸ್ವಇಚ್ಛಾ ಹೇಳಿಕೆ, ಅಂದರೆ ಆರೋಪಿಯದ್ದು ಅಂತ ಪೊಲೀಸರು ಬರೆದುಕೊಂಡ ತಪ್ಪೊಪ್ಪಿಗೆ ತೆಗೆಯುವುದು, ಅದಕ್ಕೇ ಉಪ್ಪು ಖಾರ ಹಾಕಿ ಕಥೆ ಮಾಡುವುದು. ನಾನೂ ಎರಡು ಅಧ್ಯಾಯ ಹಾಗೆ ಬರೆದು ನೋಡಿದ್ದೆ. ಓದಲು ಚೆನ್ನಾಗಿಯೇ ಇತ್ತು. ಆದರೆ ಮೂವರು ಆರೋಪಿಗಳ ಹೇಳಿಕೆಗಳನ್ನು ಪಕ್ಕಪಕ್ಕ ಇಟ್ಟು ಓದಿದರೆ ಮೂವರೂ ಒಂದೇ ಮಾತು ಆಡುತ್ತಾರೆ, ಅಲ್ಪವಿರಾಮದ ಸಮೇತ. ಓದು ಬರಹ ಬಾರದ ಕೂಲಿಯವನ ಬಾಯಲ್ಲೂ ‘ಸದರಿ ಸ್ಥಳ’. ಕೊನೆಯಲ್ಲಿ, ನನ್ನ ಜೊತೆ ಬಂದರೆ ಆ ವಸ್ತುವನ್ನು ತೋರಿಸಿಕೊಡುತ್ತೇನೆ ಅನ್ನುವ ಸಾಲು ಮೂರರಲ್ಲೂ ಇದೆ.

ಆ ಸಾಲು ಸುಮ್ನೆ ಬಂದದ್ದಲ್ಲ. ಪೊಲೀಸರ ಮುಂದೆ ಒಪ್ಪಿಕೊಂಡದ್ದು ಕೋರ್ಟಿನಲ್ಲಿ ಸಾಕ್ಷ್ಯವಾಗಿ ನಡೆಯುವುದಿಲ್ಲ. ಒಂದು ವಸ್ತು ಸಿಗಲು ಯಾವ ಮಾತು ಕಾರಣವಾಯಿತೋ ಅಷ್ಟು ಮಾತ್ರ ನಡೆಯುತ್ತೆ. 1946ರ ಡಿಸೆಂಬರ್‌ನಲ್ಲಿ ಪುಲುಕುರಿ ಕೊಟ್ಟಯ್ಯ ಪ್ರಕರಣದಲ್ಲಿ ಪ್ರಿವಿ ಕೌನ್ಸಿಲ್, ಅಂದರೆ ಬ್ರಿಟಿಷರ ಕಾಲದ ಕೊನೆಯ ಅಪೀಲು ಕೋರ್ಟು, ಎಳೆದ ಗೆರೆ ಅದು, ಇವತ್ತಿಗೂ ನಮ್ಮ ಕೋರ್ಟುಗಳು ಅದನ್ನೇ ಹಿಡಿಯುತ್ತವೆ. ಹತ್ತು ಪುಟದ ಹೇಳಿಕೆಯಲ್ಲಿ ನ್ಯಾಯಾಧೀಶರು ಒಂದೂವರೆ ಸಾಲು ಇಟ್ಟುಕೊಂಡು ಉಳಿದದ್ದನ್ನು ಬಿಡುತ್ತಾರೆ, ನಾವು ಬಿಟ್ಟದ್ದನ್ನೇ ಎತ್ತಿಕೊಂಡು ಇದು ನಿಜ ಘಟನೆ ಅಂತ ಮುಖಪುಟದಲ್ಲಿ ಹಾಕುತ್ತೇವೆ. ಆ ಎರಡು ಅಧ್ಯಾಯ ಕಸದ ಬುಟ್ಟಿಗೆ ಹೋಯಿತು. ವಸ್ತುವನ್ನೇ ಹಿಡಿದು ಹೋದರೆ ಏನಾಗುತ್ತೆ ಅನ್ನುವ ಯೋಚನೆ ಹುಟ್ಟಿದ್ದು ಆಗ.

ಪ್ರಕರಣ ತೊಂಬತ್ತರ ದಶಕದ ಮೊದಲ ಭಾಗದ್ದು. ಊರು, ಹೆಸರು ಇಲ್ಲಿ ಬೇಡ, ಪುಸ್ತಕದಲ್ಲೂ ಬದಲಾಯಿಸಿದ್ದೇನೆ. ರಾತ್ರಿ ಹೊಲದಿಂದ ಬರುತ್ತಿದ್ದ ಒಬ್ಬ ಗೃಹಸ್ಥನ ಕೊಲೆ. ಮೂವರು ಆರೋಪಿಗಳು. ಸೆಷನ್ಸ್ ಕೋರ್ಟು ಮೂವರಿಗೂ ಜೀವಾವಧಿ ಕೊಟ್ಟಿತು, ಹೈಕೋರ್ಟು ಇಬ್ಬರನ್ನು ಬಿಟ್ಟಿತು. ಉಳಿದವನು ಹದಿನಾಲ್ಕು ವರ್ಷದ ಮೇಲೆ ಹೊರಗೆ ಬಂದ.

ಸೆಷನ್ಸ್ ತೀರ್ಪಿನ ಕೊನೆಯ ಹಾಳೆಗಳನ್ನು ಎಷ್ಟು ಜನ ಓದುತ್ತಾರೆ ಹೇಳಿ? ಶಿಕ್ಷೆಯ ಸಾಲು ಮುಗಿದ ಕೂಡಲೇ ಮುಚ್ಚಿಡುತ್ತೇವೆ. ಅದರ ಹಿಂದೆ ಸಾಕ್ಷಿಗಳ ಪಟ್ಟಿ, ದಾಖಲೆಗಳ ಪಟ್ಟಿ, ಆಮೇಲೆ ಮುದ್ದೆಮಾಲುಗಳ ಪಟ್ಟಿ ಇರುತ್ತೆ. ಆ ಪಟ್ಟಿಯ ಪ್ರತಿ ವಸ್ತುವಿಗೂ ಒಂದು ಗತಿ ಬರೆದಿರುತ್ತಾರೆ: ಇದು ಬೆಲೆ ಇಲ್ಲದ್ದು, ಅಪೀಲು ಅವಧಿ ಮುಗಿದ ಮೇಲೆ ನಾಶ ಮಾಡಿ, ಇದು ಸರ್ಕಾರಕ್ಕೆ, ಇದನ್ನು ಇಂಥ ಸಾಕ್ಷಿಗೆ ವಾಪಸ್ ಕೊಡಿ. ನನ್ನ ಪ್ರಕರಣದಲ್ಲಿ ಇಪ್ಪತ್ತು ಚಿಲ್ಲರೆ ವಸ್ತುಗಳಿದ್ದವು. ಹನ್ನೊಂದನ್ನು ಪುಸ್ತಕಕ್ಕೆ ಆರಿಸಿಕೊಂಡೆ.

ತೀರ್ಪೇನೋ ಸಿಕ್ಕಿತು, ಕಡತ ಸಿಗಲಿಲ್ಲ. ಮೊದಲು ಮಾಹಿತಿ ಹಕ್ಕಿನಲ್ಲಿ ಕೇಳಿದೆ. ಕೋರ್ಟಿನ ನಕಲು ಬೇಕಾದರೆ ಕೋರ್ಟಿನ ನಿಯಮದಲ್ಲೇ ಅರ್ಜಿ ಹಾಕಿ ಅಂತ ಉತ್ತರ ಬಂತು. ಗುಜರಾತ್ ಹೈಕೋರ್ಟಿನ ಪ್ರಕರಣದಲ್ಲಿ 2020ರಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದೂ ಅದನ್ನೇ, ಆದ್ದರಿಂದ ವಾದ ಮಾಡಿ ಲಾಭ ಇಲ್ಲ. ಆರೋಪಪಟ್ಟಿಯನ್ನು ಆನ್‌ಲೈನ್‌ನಲ್ಲಿ ಹುಡುಕುವವರಿಗೂ ಒಂದು ಮಾತು. 2016ರ ತೀರ್ಪಿನ ಮೇಲೆ ಎಫ್‌ಐಆರ್‌ಗಳನ್ನು ಜಾಲತಾಣಕ್ಕೆ ಹಾಕುತ್ತಾರೆ. ಆರೋಪಪಟ್ಟಿಗೆ ಅದು ಅನ್ವಯಿಸಲ್ಲ ಅಂತ 2023ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟ ಮಾಡಿದೆ. ಸರಿ, ನಕಲು ಶಾಖೆಗೆ ಅಫಿಡವಿಟ್ ಸಮೇತ ಅರ್ಜಿ ಹಾಕಿದೆ. ಪ್ರಕರಣಕ್ಕೂ ನಿಮಗೂ ಏನು ಸಂಬಂಧ ಅಂತ ಆಕ್ಷೇಪ ಹಾಕಿ ವಾಪಸ್ ಕಳಿಸಿದರು. ಕಾರಣ ಬಿಡಿಸಿ ಬರೆದು ಮತ್ತೆ ಹಾಕಿದೆ, ಈ ಸಲ ಅರ್ಜಿ ಒಪ್ಪಿಗೆಯಾಯಿತು. ಆದರೆ ಸಾಕ್ಷಿ ಹೇಳಿಕೆಗಳಿದ್ದ ಕಟ್ಟು ಅವಧಿ ಮುಗಿದು ನಾಶವಾಗಿದೆ ಅನ್ನುವ ಹಿಂಬರಹ ಬಂತು.

ಅಲ್ಲಿಗೆ ಕೈಬಿಡುವವರು ಬಹಳ. ಹೈಕೋರ್ಟಿಗೆ ಅಪೀಲು ಹೋಗಿದ್ದರೆ ಪೇಪರ್ ಬುಕ್ ಅಂತ ಒಂದು ತಯಾರಾಗಿರುತ್ತೆ, ಅದರಲ್ಲಿ ಸಾಕ್ಷಿಗಳ ಹೇಳಿಕೆ ಪೂರ್ತಿ ಟೈಪ್ ಆಗಿರುತ್ತೆ. ಅದರ ಒಂದು ಪ್ರತಿ ವಕೀಲರ ಮನೆಯ ಕಪಾಟಿನಲ್ಲಿ ವರ್ಷಗಟ್ಟಲೆ ಬಿದ್ದಿರುತ್ತೆ. ಯಾವ ವಕೀಲರು, ಅವರ ಮನೆಯವರನ್ನು ಹೇಗೆ ಒಪ್ಪಿಸಿದೆ ಅನ್ನುವುದು ನನ್ನ ಬಳಿಯೇ ಇರಲಿ. ಇದಕ್ಕೆ ದುಡ್ಡು ಕೊಟ್ಟಿಲ್ಲ ಅಂತ ಮಾತ್ರ ಹೇಳುತ್ತೇನೆ.

ಇನ್ನು ಮನೆಯವರ ಮಾತು. ಇಲ್ಲೇ ನನ್ನ ವಿಧಾನ ನಿಜವಾಗಿ ಕೆಲಸ ಮಾಡಿದ್ದು. ಸತ್ತವರ ಮನೆಗೆ ಹೋಗಿ ಆ ದಿನ ಏನಾಯಿತು ಅಂತ ಕೇಳಿದರೆ, ಪೊಲೀಸರಿಗೆ, ಕೋರ್ಟಿಗೆ, ಪತ್ರಿಕೆಯವರಿಗೆ ಹೇಳಿ ಹೇಳಿ ನುಣುಪಾಗಿರುವ ಅದೇ ನಾಲ್ಕು ವಾಕ್ಯ ಸಿಗುತ್ತೆ. ಇಲ್ಲವೇ ಬಾಗಿಲು ಮುಚ್ಚುತ್ತೆ. ಎರಡೂ ಕಂಡಿದ್ದೇನೆ. ಆಮೇಲೆ ಕೇಳುವುದನ್ನೇ ಬದಲಾಯಿಸಿದೆ. ಸತ್ತವನ ಹೆಂಡತಿಗೆ ಈಗ ಎಪ್ಪತ್ತು ದಾಟಿದೆ. ‘ಅಮ್ಮಾ, ಆ ವಾಚು ನಿಮಗೆ ವಾಪಸ್ ಕೊಟ್ರಾ?’ ಅಂತ ಕೇಳಿದೆ. ‘ಯಾವ ವಾಚಪ್ಪಾ?’ ಅಂದರು.

ಅವರಿಗೆ ಗೊತ್ತೇ ಇರಲಿಲ್ಲ. ವಾಚನ್ನು ಅವರಿಗೇ ಕೊಡಬೇಕು ಅಂತ ಸೆಷನ್ಸ್ ತೀರ್ಪಿನಲ್ಲಿ ಸ್ಪಷ್ಟವಾಗಿ ಇದೆ. ಆದರೆ ಅಪೀಲು ಬಾಕಿ ಇತ್ತು, ವಸ್ತು ಕೋರ್ಟಿನಲ್ಲೇ ಉಳಿಯಿತು, ಅಪೀಲು ಮುಗಿದದ್ದನ್ನು ಈ ಮನೆಗೆ ಯಾರೂ ತಿಳಿಸಲಿಲ್ಲ. ತಿಳಿಸುವವರಾದರೂ ಯಾರು? ಅಪೀಲು ನಡೆಯುವುದು ಸರ್ಕಾರ ಮತ್ತು ಆರೋಪಿಗಳ ನಡುವೆ. ಬಿಡುಗಡೆಯ ತೀರ್ಪನ್ನು ಪ್ರಶ್ನಿಸಿ ಅಪೀಲು ಹಾಕುವ ಹಕ್ಕು ನೊಂದವರ ಕಡೆಯವರಿಗೆ ಬಂದದ್ದೇ 2009ರ ಡಿಸೆಂಬರ್ 31ರಿಂದ, ಇವರ ಪ್ರಕರಣ ಅಷ್ಟರಲ್ಲಿ ಮುಗಿದು ಹಳೆಯದಾಗಿತ್ತು. ಇಬ್ಬರು ಬಿಡುಗಡೆಯಾದದ್ದು ಅವರಿಗೆ ಗೊತ್ತಾದದ್ದು ಒಬ್ಬನನ್ನು ಸಂತೆಯಲ್ಲಿ ಎದುರಿಗೇ ಕಂಡಾಗ. ಇದೆಲ್ಲ ಹೊರಬಂದದ್ದು ವಾಚಿನ ನೆಪದಲ್ಲಿ, ಮಧ್ಯಾಹ್ನ ಶುರುವಾದ ಮಾತು ಕತ್ತಲಾಗುವವರೆಗೂ ಹೋಯಿತು. ಕೊಲೆಯ ಬಗ್ಗೆ ನಾನು ಒಂದು ಪ್ರಶ್ನೆಯನ್ನೂ ಕೇಳಲಿಲ್ಲ.

ಅದೇ ವಾಚು ಹೈಕೋರ್ಟಿನಲ್ಲಿ ಪ್ರಕರಣವನ್ನು ಮುರಿದ ವಸ್ತು ಕೂಡ. ಎರಡನೇ ಆರೋಪಿ ತೋರಿಸಿಕೊಟ್ಟ ಅಂತ ಮಹಜರು. ಮಹಜರಿಗೆ ಸಾಕ್ಷಿಗಳಾಗಿದ್ದ ಪಂಚರಿಬ್ಬರೂ ತಿರುಗಿ ನಿಂತರು, ನಾವು ಸಹಿ ಹಾಕಿದ್ದು ಸ್ಟೇಷನ್ನಿನಲ್ಲಿ ಅಂದರು. ಸೆಷನ್ಸ್ ನ್ಯಾಯಾಧೀಶರು ತನಿಖಾಧಿಕಾರಿಯ ಮಾತು ನಂಬಿದರು, ಹೈಕೋರ್ಟು ನಂಬಲಿಲ್ಲ. ಒಂದೇ ವಾಚು ಒಂದು ಕೋರ್ಟಿನಲ್ಲಿ ಸಾಕ್ಷಿ, ಇನ್ನೊಂದರಲ್ಲಿ ಅಲ್ಲ. ನನ್ನ ಪುಸ್ತಕದಲ್ಲಿ ಅತಿ ಉದ್ದದ ಅಧ್ಯಾಯ ಇದು. ಓದುಗರು ಜಾಸ್ತಿ ಫೋನ್ ಮಾಡಿದ್ದೂ ಇದನ್ನು ಓದಿಯೇ.

ಸೈಕಲ್ಲಿನದ್ದು ಬೇರೆ ಕಥೆ. ಅದು ಸತ್ತವನ ತಮ್ಮನದು, ಅಣ್ಣ ಆ ದಿನ ಎರವಲು ತೆಗೆದುಕೊಂಡು ಹೋಗಿದ್ದ. ವಿಚಾರಣೆ ಮುಗಿಯುವ ಮೊದಲೇ ಬಿಡಿಸಿಕೊಳ್ಳಲು ಅವಕಾಶ ಇತ್ತು, ಆದರೆ ಬಾಂಡು, ಜಾಮೀನುದಾರ, ಅವನ ಪಹಣಿ, ವಕೀಲರ ಫೀಸು ಎಲ್ಲ ಸೇರಿದರೆ ಸೈಕಲ್ಲಿನ ಬೆಲೆಗಿಂತ ಜಾಸ್ತಿ. ಇಂಥ ವಸ್ತುಗಳನ್ನು ಫೋಟೋ, ಪಂಚನಾಮೆ ಮಾಡಿಕೊಂಡು ಬೇಗ ವಾಪಸ್ ಕೊಡಿ ಅಂತ ಸುಂದರಭಾಯಿ ದೇಸಾಯಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು 2002ರಲ್ಲಿ. ಸೈಕಲ್ಲು ಅಷ್ಟರಲ್ಲಿ ಸ್ಟೇಷನ್ನಿನ ಅಂಗಳದಲ್ಲಿ ತುಕ್ಕು ಹಿಡಿದು ಮಣ್ಣಿಗೆ ಅಂಟಿಕೊಂಡಿತ್ತು. ತಮ್ಮ ಕೂಲಿಗೆ ನಡೆದೇ ಹೋಗುತ್ತಿದ್ದ, ವರ್ಷಗಟ್ಟಲೆ. ಅಣ್ಣನ ಮೇಲೆ ಸಿಟ್ಟು ಬರ್ತಿತ್ತು, ಸತ್ತವನ ಮೇಲೆ ಸಿಟ್ಟು ಬರ್ತಿದೆ ಅಂತ ಯಾರ ಹತ್ತಿರ ಹೇಳೋದು ಸಾರ್ ಅಂದ. ಹಾಗೇ ಹಾಕಿದ್ದೇನೆ, ಅವನ ಒಪ್ಪಿಗೆ ಪಡೆದು.

ಮಧ್ಯೆ ಒಂದು ಅಡ್ಡದಾರಿ ಹಿಡಿದೆ. ಪಿ.ಡಬ್ಲ್ಯು. 4, ಅಂದರೆ ಸರ್ಕಾರದ ಕಡೆಯ ನಾಲ್ಕನೇ ಸಾಕ್ಷಿ, ರಾತ್ರಿ ಹನ್ನೊಂದರ ಸುಮಾರಿಗೆ ಬೆಳದಿಂಗಳಲ್ಲಿ ಆರೋಪಿಗಳನ್ನು ಗುರುತು ಹಿಡಿದೆ ಅನ್ನುತ್ತಾನೆ. ಆ ವರ್ಷದ ಹಳೆ ಪಂಚಾಂಗ ಹುಡುಕಿ ತೆಗೆದೆ. ಬಹುಳ ದ್ವಾದಶಿ! ಚಂದ್ರ ಮೂಡುವುದೇ ಬೆಳಗಿನ ಜಾವ ಮೂರರ ಮೇಲೆ. ಅಮೆರಿಕದಲ್ಲಿ 1858ರಲ್ಲಿ ವಕೀಲರಾಗಿದ್ದ ಲಿಂಕನ್ ಒಂದು ಕೊಲೆ ಮೊಕದ್ದಮೆಯಲ್ಲಿ ಇದೇ ಥರ ಪಂಚಾಂಗ ತೆರೆದು ಸಾಕ್ಷಿಯನ್ನು ಸುಳ್ಳು ಮಾಡಿದ್ದರು. ನಮ್ಮ ಪ್ರಕರಣದಲ್ಲಿ ಪಾಟಿ ಸವಾಲಿನಲ್ಲಿ ಒಬ್ಬರೂ ಇದನ್ನು ಕೇಳಿಲ್ಲ, ಪೇಪರ್ ಬುಕ್ ಪೂರ್ತಿ ಜಾಲಾಡಿದ್ದೇನೆ. ಇದನ್ನು ಕಂಡುಹಿಡಿದ ದಿನ ನಿದ್ದೆ ಬರಲಿಲ್ಲ, ನಿಜ. ಆದರೆ ಅವನ ಕೈಯಲ್ಲಿ ಟಾರ್ಚ್ ಇತ್ತು ಅಂತಲೂ ಇನ್ನೊಬ್ಬ ಸಾಕ್ಷಿ ಹೇಳುತ್ತಾನೆ, ಹಾಗಾಗಿ ಪುಸ್ತಕದಲ್ಲಿ ಎರಡನ್ನೂ ಇಟ್ಟು ಮುಂದೆ ಹೋದೆ. ಇಂಥದ್ದನ್ನು ಉಬ್ಬಿಸಿ ನಿಜವಾದ ಕೊಲೆಗಾರ ಬೇರೆಯೇ ಅಂತ ಬರೆಯುವವರನ್ನು ಕಂಡರೆ ನನಗೆ ಆಗುವುದಿಲ್ಲ. ಸಾಕ್ಷಿ ನಡೆದ ದಾರಿಯನ್ನು ಗಡಿಯಾರ ಹಿಡಿದು ನಡೆದೂ ನೋಡಿದೆ. ಈಗ ಅಲ್ಲಿ ಡಾಂಬರು ರಸ್ತೆ ಆಗಿದೆ, ಏನೂ ಉಪಯೋಗವಾಗಲಿಲ್ಲ.

ಕಾನೂನಿನ ಭಯಕ್ಕೆ ಎಲ್ಲರೂ ಆಟೋ ಶಂಕರ್ ಪ್ರಕರಣದ ಹೆಸರು ಹೇಳುತ್ತಾರೆ. ಆರು ಕೊಲೆ ಮಾಡಿ 1995ರಲ್ಲಿ ಸೇಲಂನಲ್ಲಿ ಗಲ್ಲಿಗೇರಿದವನ ಆತ್ಮಕಥೆಯನ್ನು ತಡೆಯಲು ಅಧಿಕಾರಿಗಳು ಹೊರಟಿದ್ದರು. 1994ರಲ್ಲಿ ಸುಪ್ರೀಂ ಕೋರ್ಟ್, ಸಾರ್ವಜನಿಕ ದಾಖಲೆಯಲ್ಲಿ ಇರುವಷ್ಟನ್ನು ಅನುಮತಿ ಇಲ್ಲದೆಯೂ ಬರೆಯಬಹುದು ಅಂದಿತು. ‘ಇರುವಷ್ಟನ್ನು’ ಎಂಬಲ್ಲಿ ಅಡಿಗೆರೆ ಹಾಕಿಕೊಳ್ಳಿ. ದಾಖಲೆಯ ಆಚೆಗೆ ಮನೆಯವರು ಹೇಳಿದ್ದಕ್ಕೆಲ್ಲ ಬರಹದಲ್ಲಿ ಒಪ್ಪಿಗೆ ತೆಗೆದುಕೊಂಡೆ. ಬಿಡುಗಡೆಯಾದ ಇಬ್ಬರು ಪುಸ್ತಕದ ತುಂಬ ಎರಡನೇ ಆರೋಪಿ, ಮೂರನೇ ಆರೋಪಿ, ಅಷ್ಟೇ. ಅತ್ಯಾಚಾರದ ಆರೋಪವೂ ಸೇರಿರುವ ಪ್ರಕರಣವಾದರೆ ನೊಂದವರ ಹೆಸರು, ಗುರುತು ಯಾವುದೂ ಬರುವಂತಿಲ್ಲ, ಸತ್ತಿದ್ದರೂ ಸರಿ. ಒಬ್ಬ ವಕೀಲರಿಗೆ ಹಸ್ತಪ್ರತಿ ಓದಿಸಿದೆ, ಅವರು ಹದಿನೈದು ಸಾವಿರ ತೆಗೆದುಕೊಂಡು ಒಟ್ಟು ಆರೇಳು ಪುಟ ಹೊಡೆದು ಹಾಕಿದರು. ಆ ದುಡ್ಡಿಗೆ ಒಂದು ಚೂರೂ ಬೇಸರ ಇಲ್ಲ.

ಉಳಿದ ಲೆಕ್ಕ ನೆನಪಿನಿಂದ ಹೇಳುತ್ತೇನೆ. ನಕಲು, ಅಫಿಡವಿಟ್, ನೋಟರಿ ಸೇರಿ ಆರೇಳು ಸಾವಿರ. ಬಸ್ಸು, ಲಾಡ್ಜು, ಊಟ ಐವತ್ತು ಸಾವಿರ ದಾಟಿತು, ಎಲ್ಲಕ್ಕಿಂತ ದೊಡ್ಡ ಖರ್ಚು ಅದೇ. ಡಿಟಿಪಿ, ಕರಡು ತಿದ್ದುವುದು, ಮುಖಪುಟ ಸೇರಿ ಇಪ್ಪತ್ತೈದರ ಹತ್ತಿರ. 280 ಪುಟದ ಪುಸ್ತಕ, 500 ಪ್ರತಿಗೆ ಮುದ್ರಣ ನಲವತ್ತೈದು ಸಾವಿರ. ಎಲ್ಲ ಕೂಡಿ ಒಂದು ಲಕ್ಷದ ನಲವತ್ತರ ಮೇಲೆ. ಬೆಲೆ 320 ರೂಪಾಯಿ ಇಟ್ಟೆ. ಸುಮಾರು 300 ಪ್ರತಿ ವಾಟ್ಸಾಪ್‌ನಲ್ಲಿ ನೇರವಾಗಿ ಹೋಯಿತು, ಉಳಿದದ್ದು ಅಂಗಡಿಗಳಲ್ಲಿ, ಅಲ್ಲಿ ಶೇಕಡಾ 35ರಿಂದ 40 ಕಮಿಷನ್. ಅಂಚೆ ಖರ್ಚು ಕಳೆದು ಕೈಗೆ ಬಂದದ್ದು ಒಂದೂಕಾಲು ಲಕ್ಷದೊಳಗೆ. ಅಂದರೆ ಮೊದಲ ಮುದ್ರಣ ನಷ್ಟವೇ. ಗ್ರಂಥಾಲಯದ ಸಗಟು ಖರೀದಿಯನ್ನು ಲೆಕ್ಕಕ್ಕೇ ಹಿಡಿದಿರಲಿಲ್ಲ, ನೀವೂ ಹಿಡಿಯಬೇಡಿ. ಎರಡನೇ ಸಲ 1000 ಪ್ರತಿ ಹಾಕಿಸಿದೆ, ಆಗ ಖರ್ಚು ಮುದ್ರಣದ ಎಂಬತ್ತು ಸಾವಿರ ಮಾತ್ರ. ಲಾಭ ಕಂಡದ್ದು ಅಲ್ಲಿಂದ.

ಒಂದು ಪ್ರಯೋಗ ಕೂಡಲೇ ಫಲ ಕೊಟ್ಟಿತು. ಮುದ್ದೆಮಾಲು ಪಟ್ಟಿಯನ್ನು ಪುಸ್ತಕದ ಮೊದಲ ಪುಟದಲ್ಲಿ ಹಾಗೇ ಅಚ್ಚು ಹಾಕಿದೆ, ವಿವರಣೆ ಒಂದೂ ಇಲ್ಲ. ಅದರ ಫೋಟೋವನ್ನು ಓದುಗರು ತಾವೇ ಹಂಚಿಕೊಂಡರು. ಜಾಹೀರಾತಿಗೆ ಅಂತ ಇಟ್ಟಿದ್ದ ಹತ್ತು ಸಾವಿರ ಉಳಿಯಿತು. ಹನ್ನೊಂದು ವಸ್ತುಗಳನ್ನು ಯಾವ ಕ್ರಮದಲ್ಲಿ ಜೋಡಿಸಿದೆ, ಯಾವುದನ್ನು ಯಾಕೆ ಕೊನೆಗೆ ಇಟ್ಟೆ ಅಂತ ಮೆಸೇಜ್ ಮಾಡಿ ಕೇಳುವವರಿದ್ದಾರೆ. ಪುಸ್ತಕ ಕೊಂಡು ಓದಿದರೆ ಗೊತ್ತಾಗುತ್ತೆ.

ವಾಚು ಸಿಕ್ಕಿತಾ ಅಂತ ಕೇಳುತ್ತೀರಿ. ಅಮ್ಮನ ಹೆಸರಲ್ಲಿ ಅರ್ಜಿ ಹಾಕಿಸಿದೆವು. ದಾಸ್ತಾನು ಪುಸ್ತಕದಲ್ಲಿ ವಾಚಿನ ನಮೂದು ಇದೆ, ಮುಂದಿನ ಕಾಲಂ ಖಾಲಿ. ವಾಚನ್ನು ಇನ್ನೂ ಹುಡುಕುತ್ತಿದ್ದಾರೆ. ನಾನು ಈಗ ಹಿಡಿದಿರುವ ಎರಡನೇ ಪ್ರಕರಣದ ಪಟ್ಟಿಯಲ್ಲಿ ಮೂವತ್ತಕ್ಕೂ ಹೆಚ್ಚು ವಸ್ತುಗಳಿವೆ, ಅದರಲ್ಲಿ ಒಂದು ಹೊಲಿಗೆ ಯಂತ್ರ. ನಕಲು ಅರ್ಜಿ ಹಾಕಿದ್ದೇನೆ, ಆದೇಶ ಇನ್ನೂ ಆಗಿಲ್ಲ.