ಬನ್ಸಿ ರವೆಯ ಕೂಸ್‌ಕೂಸ್, ಸಿಹಿ ಉಳ್ಳಾಗಡ್ಡಿ, ಸಿಗಡಿ: ನನ್ನ ಅನುಭವ

ಮೀನಿನ ಅಡುಗೆಯಲ್ಲಿ ಸಿಹಿ ಸಿಕ್ಕರೆ ಬೆಳಗಾವಿಯ ಜನ ಎರಡನೆಯ ತುತ್ತು ಎತ್ತುವುದಿಲ್ಲ ಎಂದು ನನಗೆ ಹೇಳಿದವರು ಹೊರಗಿನವರಲ್ಲ, ನಮ್ಮ ಕೇಟರಿಂಗ್ ವೃತ್ತಿಯವರೇ. ನಾನು ಕೆಲಸ ಕಲಿತ ಶಹಾಪುರದ ಹಿರಿಯ ಅಡುಗೆಯವರಂತೂ "ತಮ್ಮಾ, ಸಿಗಡಿಗೆ ಒಣದ್ರಾಕ್ಷಿ ಹಾಕೋದಂದ್ರ ಎರಡನ್ನೂ ಕೆಡಿಸಿದಂಗ" ಎಂದು ನೇರವಾಗಿಯೇ ನುಡಿದಿದ್ದರು. ಕಳೆದ ಚಳಿಗಾಲದಲ್ಲಿ ಟಿಳಕವಾಡಿಯ ಒಂದು ನಿಶ್ಚಿತಾರ್ಥದ ಊಟದಲ್ಲಿ ಸುಮಾರು 150 ಜನರಿಗೆ, ಗೋಧಿ ರವೆಯನ್ನು ಸಣ್ಣ ಕಾಳು ಕಟ್ಟಿ ಹಬೆಯಲ್ಲಿ ಬೇಯಿಸುವ ಉತ್ತರ ಆಫ್ರಿಕಾದ ಅಡುಗೆಯಾದ ಇದೇ ಕೂಸ್‌ಕೂಸ್ ಬಡಿಸಿದೆ. ತಳದಲ್ಲಿ ಒಂದು ಹಿಡಿಯೂ ಉಳಿಯಲಿಲ್ಲ. ಅಂದು ಅದೇ ಹಿರಿಯರಿಗೆ "ಕಾಕಾ, ಮ್ಯಾಲಿನ ಉಳ್ಳಾಗಡ್ಡಿ ಇನ್ನೊಂದಿಷ್ಟು ಹಾಕಲೇನ್ರಿ?" ಎಂದು ಕೇಳಿದಾಗ ಅವರು ತಟ್ಟೆಯನ್ನು ಮುಂದೆ ಹಿಡಿದರು. ಸಿಗಡಿ ಸುಲಿಯುವುದು, ಮೀನಿನ ತಲೆ ತೊಳೆಯುವುದು, ದೊಡ್ಡ ಒಲೆಯ ಉರಿ ನಿಭಾಯಿಸುವುದು ಬಲ್ಲವರಿಗಾಗಿ ಇದನ್ನು ಬರೆಯುತ್ತಿದ್ದೇನೆ. ಆ ಪಾಠಗಳನ್ನು ಇಲ್ಲಿ ಹೇಳುವುದಿಲ್ಲ.

ಸಿಹಿ ಎಲ್ಲಿರಬೇಕು ಎಂಬುದೇ ಈ ಅಡುಗೆಯ ಮುಖ್ಯ ವಿಷಯ. ಮೊರಾಕ್ಕೋದವರು ಉಳ್ಳಾಗಡ್ಡಿ, ಒಣದ್ರಾಕ್ಷಿ, ದಾಲ್ಚಿನ್ನಿ ಮತ್ತು ಜೇನನ್ನು ಸಣ್ಣ ಉರಿಯಲ್ಲಿ ಬಾಡಿಸಿ ತ್ಫಾಯ ಎಂಬ ಮೇಲೋಗರ ಮಾಡಿಕೊಂಡು ಕೂಸ್‌ಕೂಸಿನ ಮೇಲೆ ಹರಡುತ್ತಾರೆ. ಟ್ಯುನೀಷಿಯಾದ ಸ್ಫಾಕ್ಸ್ ಪಟ್ಟಣದಲ್ಲಿ ಈದ್-ಉಲ್-ಫಿತ್ರ್ ದಿನ ಉಪ್ಪುಮೀನಿನ ಜೊತೆಗೆ ಉಳ್ಳಾಗಡ್ಡಿ ಮತ್ತು ಒಣದ್ರಾಕ್ಷಿಯ ಶರ್ಮೂಲಾ ಎಂಬ ಗೊಜ್ಜು ಉಣ್ಣುತ್ತಾರೆ. ಹೀಗಿರುವಾಗ ಮೀನಿಗೂ ಸಿಹಿಗೂ ಕೂಡುವುದಿಲ್ಲ ಎಂಬ ಮಾತನ್ನು ನಾನು ಎಂದೂ ಒಪ್ಪಲಿಲ್ಲ. ಆದರೆ ಬೆಲ್ಲವನ್ನು ಮೀನಿನ ಸಾರಿಗೇ ಕರಗಿಸಿ ನೋಡಿದ ಪ್ರಯೋಗಗಳೆಲ್ಲ ವಿಫಲವಾದವು. ಸಾರು ಕಲಗಚ್ಚಿನ ಬಣ್ಣಕ್ಕೆ ತಿರುಗಿತು, ಹಸಿ ಮೀನಿನ ವಾಸನೆ ಮೇಲೆದ್ದು ಬಂತು, ಹುಳಿ ಎಷ್ಟು ಹಿಂಡಿದರೂ ಅದು ಸರಿಹೋಗಲಿಲ್ಲ. ಸಾರು ಉಪ್ಪು, ಖಾರ, ಹುಳಿಯಲ್ಲಿಯೇ ಇರಬೇಕು. ಸಿಹಿಯೆಲ್ಲ ಮೇಲಿನ ಉಳ್ಳಾಗಡ್ಡಿಯಲ್ಲಿರಬೇಕು. ಎರಡೂ ಒಂದಾಗುವುದು ಉಣ್ಣುವವರ ಬಾಯಿಯಲ್ಲಿಯೇ ಆಗಬೇಕು.

ಮೊದಲು ಪೇಟೆಯಲ್ಲಿ ಸಿಗುವ ವಿದೇಶಿ ಪೊಟ್ಟಣದ ಕೂಸ್‌ಕೂಸನ್ನೇ ತಂದು ಮಾಡುತ್ತಿದ್ದೆ. ಕಿಲೋಗೆ ₹700ರ ಆಸುಪಾಸು ಬೀಳುತ್ತಿತ್ತು, ಅಂದರೆ ತಟ್ಟೆಗೆ ₹50ಕ್ಕಿಂತ ಹೆಚ್ಚು ಬರೀ ರವೆಗೇ ಹೋಗುತ್ತಿತ್ತು. ಹಣಕ್ಕಿಂತ ದೊಡ್ಡ ತೊಂದರೆಯೆಂದರೆ, ಅದನ್ನು ಕಾರ್ಖಾನೆಯಲ್ಲಿ ಒಮ್ಮೆ ಬೇಯಿಸಿ ಒಣಗಿಸಿರುತ್ತಾರೆ. ಬಿಸಿನೀರು ಸುರಿದರೆ 5 ನಿಮಿಷದಲ್ಲಿ ಅರಳುತ್ತದೆ, ಆದರೆ ಮೀನಿನ ಸಾರಿನ ಹಬೆಯನ್ನು ನಿಧಾನವಾಗಿ ಕುಡಿಯಲು ಅದಕ್ಕೆ ಸಮಯವೇ ಇರುವುದಿಲ್ಲ. ಉಪ್ಪಿಟ್ಟಿನ ಸಾದಾ ರವೆಯಲ್ಲಿ ಮಾಡಿ ನೋಡಿದೆ, ಎರಡನೆಯ ಹಬೆಗೆ ಅದು ಉಪ್ಪಿಟ್ಟೇ ಆಯಿತು. ಕೂಸ್‌ಕೂಸಿಗೆ ಬೇಕಾದದ್ದು ಡ್ಯೂರಮ್ ಗೋಧಿ, ನಮ್ಮಲ್ಲಿ ಬನ್ಸಿ ರವೆ ಎಂದು ಮಾರುವುದು ಅದರದೇ ರವೆ. ನಾನು ಬನ್ಸಿಯ ದಪ್ಪ ರವೆಗೆ ಕಾಲು ಭಾಗ ಜವೆ ಗೋಧಿಯ ರವೆ ಬೆರೆಸುತ್ತೇನೆ. ನಮ್ಮ ಜಿಲ್ಲೆಯಲ್ಲಿಯೇ ಬೆಳೆಯುವ ಈ ಗೋಧಿಯ ಪರಿಮಳ ಬೇರೆ ಯಾವುದರಲ್ಲಿಯೂ ಸಿಗುವುದಿಲ್ಲ, ಆದರೆ ಅದೊಂದನ್ನೇ ಹಾಕಿದರೆ ಕಾಳು ಕಟ್ಟದೆ ಪುಡಿಯಾಗುತ್ತದೆ.

ಕಾಳು ಕಟ್ಟುವ ಕೆಲಸ ಕಣ್ಣಿಗಿಂತ ಅಂಗೈಗೆ ಬೇಗ ತಿಳಿಯುತ್ತದೆ. ಒಂದು ಕಿಲೋ ರವೆಯನ್ನು ಪರಾತದಲ್ಲಿ ಹರಡಿ, ಉಪ್ಪುನೀರನ್ನು ಚಿಮುಕಿಸುತ್ತಾ ಬೆರಳು ಬಿಡಿಸಿ ವೃತ್ತಾಕಾರವಾಗಿ ಉಜ್ಜಬೇಕು. ನಡುನಡುವೆ ಅದೇ ಗೋಧಿಯ ನುಣ್ಣನೆಯ ಹಿಟ್ಟನ್ನು ಉದುರಿಸಬೇಕು. ನೀರು ಮುಕ್ಕಾಲು ಗ್ಲಾಸಿನಿಂದ ಒಂದೂವರೆ ಗ್ಲಾಸಿನವರೆಗೆ ಹಿಡಿಯುತ್ತದೆ, ಹಿಟ್ಟು ಸುಮಾರು 150ರಿಂದ 200 ಗ್ರಾಂ. ರವೆ ಹಳೆಯದಾದಷ್ಟೂ ಹೆಚ್ಚು ನೀರು ಕುಡಿಯುತ್ತದೆ. ಬಳಿಕ ಎರಡು ಸಾಣಿಗೆಗಳಲ್ಲಿ ಆಡಿಸಿ, ದಪ್ಪ ಉಂಡೆಗಳನ್ನು ಮತ್ತೆ ಉಜ್ಜಿ, ಪುಡಿಯನ್ನು ಮತ್ತೆ ಪರಾತಕ್ಕೆ ಸುರಿಯಬೇಕು. ಶ್ಯಾವಿಗೆ ಹೊಸೆದು ಕೈ ಪಳಗಿದ ಇಬ್ಬರು ಹೆಣ್ಣುಮಕ್ಕಳು ನನ್ನ ಬಳಿ ಇದ್ದಾರೆ; 12 ಕಿಲೋ ರವೆಯನ್ನು ಅವರು ಒಂದು ಮುಂಜಾನೆಯಲ್ಲಿ ಮುಗಿಸುತ್ತಾರೆ, ಆ ವೇಗ ನನ್ನ ಕೈಗೆ ಇಂದಿಗೂ ಬಂದಿಲ್ಲ.

ಹಬೆಯ ವಿಚಾರದಲ್ಲಿ ಇಡ್ಲಿಯ ಅಭ್ಯಾಸವನ್ನು ಪೂರ್ತಿ ಬಿಡಬೇಕು. ಇಡ್ಲಿ ಪಾತ್ರೆಯಲ್ಲಿ ಬಟ್ಟೆ ಹಾಸಿ, ಮುಚ್ಚಳ ಬಿಗಿದು ಬೇಯಿಸಿದಾಗ ಮುಚ್ಚಳದ ಬೆವರು ಕೆಳಗೆ ತೊಟ್ಟಿಕ್ಕಿ ಮೇಲಿನ ಪದರ ಮುದ್ದೆಯಾಯಿತು, ಬಟ್ಟೆ ನೆನೆದು ಕೆಳಗಿನ ಪದರ ಅಂಟಾಯಿತು. ಕೂಸ್‌ಕೂಸಿಗೆ ಮುಚ್ಚಳ ಬೇಡ, ಬಟ್ಟೆಯೂ ಬೇಡ. ತಳಕ್ಕೆ 3 ಮಿಲಿಮೀಟರಿನಷ್ಟು ತೂತು ಕೊರೆದ ಅಗಲ ಪಾತ್ರೆಯೊಂದನ್ನು ಭಾಂಡಿ ಪೇಟೆಯಲ್ಲಿ ಮಾಡಿಸಿದೆ. ಅದಕ್ಕೆ ₹2,500ರ ಸುಮಾರು ಖರ್ಚಾಯಿತು. ಒದ್ದೆಯಾದ ಕಾಳುಗಳು ಒಂದನ್ನೊಂದು ಹಿಡಿದುಕೊಳ್ಳುತ್ತವೆ, ಕೆಳಗಿನಿಂದ ಹಬೆ ಒತ್ತುತ್ತಿರುತ್ತದೆ, ಆದ್ದರಿಂದ ತೂತಿನಿಂದ ಅವು ಉದುರುವುದಿಲ್ಲ. ಆದರೆ ಕೆಳಗಿನ ಸಾರಿನ ಪಾತ್ರೆಯೂ ಅದರ ಮೇಲಿಟ್ಟ ಈ ತೂತಿನ ಪಾತ್ರೆಯೂ ಕೂಡುವ ಕಡೆ ಹಬೆ ಸೋರಿದರೆ ಎಷ್ಟು ಹೊತ್ತು ಕಾದರೂ ಕಾಳು ಬೇಯುವುದಿಲ್ಲ. ಮೊರಾಕ್ಕೋದವರು ಅಲ್ಲಿ ಹಿಟ್ಟುನೀರಿನಲ್ಲಿ ಅದ್ದಿದ ಬಟ್ಟೆಯ ಪಟ್ಟಿ ಸುತ್ತುತ್ತಾರೆ. ನಾನು ಕಣಕವನ್ನೇ ಹಗ್ಗದಂತೆ ಹೊಸೆದು ಸುತ್ತಲೂ ಒತ್ತುತ್ತೇನೆ.

ಮೊದಲ ಹಬೆ 20 ನಿಮಿಷ. ಪರಾತಕ್ಕೆ ಸುರಿದು, ಗಂಟು ಒಡೆದು, ಕಿಲೋಗೆ ಸುಮಾರು ಎರಡು ಗ್ಲಾಸು ಉಪ್ಪುನೀರು ಮತ್ತು ಎರಡು ಚಮಚ ಎಣ್ಣೆ ಹಾಕಿ ಹತ್ತು ನಿಮಿಷ ಹಾಗೆಯೇ ಬಿಡಬೇಕು. ಮತ್ತೆ 20 ನಿಮಿಷದ ಹಬೆ, ಮತ್ತೆ ನೀರು, ಕೊನೆಯಲ್ಲಿ ಮೂರನೆಯ ಹಬೆ, ಆಮೇಲೆ ತುಪ್ಪ. ಎರಡಕ್ಕೇ ನಿಲ್ಲಿಸುವವರಿದ್ದಾರೆ, ನೂರಾರು ಜನರ ಊಟದಲ್ಲಿ ಮೂರು ಹಬೆಯ ಕಾಳು ಎರಡು ಗಂಟೆ ಡಬ್ಬದಲ್ಲಿದ್ದರೂ ಬಿಡಿಬಿಡಿಯಾಗಿ ಉಳಿಯುತ್ತದೆ, ಎರಡು ಹಬೆಯದು ಹಾಗೆ ಉಳಿಯುವುದಿಲ್ಲ.

ಕೆಳಗೆ ಕುದಿಯುವ ಸಾರಿಗೆ ಸುರಮಾಯಿ (ಅಂಜಲ್) ಮೀನಿನ ತಲೆ, ಹುರಿದ ಸಿಗಡಿ ಸಿಪ್ಪೆ, ಟೊಮ್ಯಾಟೊ, ಬೆಳ್ಳುಳ್ಳಿ, ಬಡೇಸೋಪು, ಬ್ಯಾಡಗಿ ಮೆಣಸಿನಕಾಯಿಯ ರುಬ್ಬು ಮತ್ತು ಆಮಸೂಲ (ಒಣಗಿಸಿದ ಮುರುಗಲ ಸಿಪ್ಪೆ) ಹಾಕುತ್ತೇನೆ. ತಲೆಗಳನ್ನು 40 ನಿಮಿಷ ದಾಟಿ ಕುದಿಸಬಾರದು; ಎರಡನೆಯ ಹಬೆಯ ಹೊತ್ತಿಗೆ ಅವನ್ನು ಸೋಸಿ ತೆಗೆದು, ಬರೀ ಸಾರನ್ನು ಕುದಿಯಲು ಬಿಡಬೇಕು. ಆ ಸಾರಿಗೆ ನಾನು ಹಾಕುವ ಮಸಾಲೆಯ ಪುಡಿಯಲ್ಲಿ ಏಳು ಸಾಮಾನುಗಳಿವೆ. ಒಣಶುಂಠಿ, ಕರಿಮೆಣಸು ಮತ್ತು ಕೊತ್ತಂಬರಿ ಬೀಜ ಇವೆ ಎಂಬುದನ್ನು ಹೇಳಬಲ್ಲೆ. ಉಳಿದ ನಾಲ್ಕು ಮತ್ತು ಅವುಗಳ ಪ್ರಮಾಣ ನನ್ನ ದುಡಿಮೆಯ ಬಂಡವಾಳ, ಅದನ್ನು ನನ್ನ ಬಳಿಯೇ ಇಟ್ಟುಕೊಳ್ಳುತ್ತೇನೆ.

ನನ್ನ ಹೆಚ್ಚಿನ ಸಮಯ ಮತ್ತು ಹಣವನ್ನು ತಿಂದದ್ದು ಉಳ್ಳಾಗಡ್ಡಿ. ಮುಂಗಾರಿನ ಬೆಳೆ ಬಂದ ತಿಂಗಳುಗಳಲ್ಲಿ ಮಾಡಿದಾಗ ಅದು ನೀರು ಬಿಡುತ್ತಲೇ ಇರುತ್ತಿತ್ತು, ಬಣ್ಣ ಬರುವ ಮೊದಲೇ ಕರಗಿ ಪೇಸ್ಟಾಗುತ್ತಿತ್ತು. ಹಿಂಗಾರಿನ, ಚೆನ್ನಾಗಿ ಒಣಗಿಸಿ ದಾಸ್ತಾನು ಮಾಡಿದ ಗಡ್ಡೆಯಲ್ಲಿ ಮಾತ್ರ ಎಳೆ ಉಳಿಯುತ್ತದೆ. ಒಂದು ಕಿಲೋ ರವೆಗೆ ಎರಡು ಕಿಲೋ ಉಳ್ಳಾಗಡ್ಡಿ ಬೇಕು, ಅದು ಬಾಡಿ ಬಾಡಿ ಅರ್ಧ ಕಿಲೋ ಚಿಲ್ಲರೆಗೆ ಇಳಿಯುತ್ತದೆ. ಉದ್ದಕ್ಕೆ ಹೆಚ್ಚಿ, ತುಪ್ಪ ಮತ್ತು ಉಪ್ಪು ಹಾಕಿ, ದಪ್ಪ ತಳದ ಪಾತ್ರೆಯಲ್ಲಿ ಒಂದೂವರೆ ಗಂಟೆ ಸಣ್ಣ ಉರಿಯಲ್ಲಿ ಇಡಬೇಕು. ಉರಿ ಹೆಚ್ಚಿಸಿ ಅರ್ಧ ಗಂಟೆಯಲ್ಲಿ ಕೆಂಪಗೆ ಮಾಡಿದ ಉಳ್ಳಾಗಡ್ಡಿ ಬಿರಿಯಾನಿಗೆ ಸೈ, ಇಲ್ಲಿ ಕಹಿಯಾಗುತ್ತದೆ. ಗಂಟೆ ಕಳೆದ ಮೇಲೆ ದಾಲ್ಚಿನ್ನಿ, ಒಣಶುಂಠಿ, ಮತ್ತು ವಿಜಯಪುರದ ಒಣದ್ರಾಕ್ಷಿ 300 ಗ್ರಾಂ ಸೇರಿಸುತ್ತೇನೆ. ದ್ರಾಕ್ಷಿಯನ್ನು ಬರೀ ನೀರಿನಲ್ಲಿ ನೆನೆಸಿದರೆ ಅದು ಉಬ್ಬುತ್ತದೆಯೇ ಹೊರತು ರುಚಿ ಕೂಡುವುದಿಲ್ಲ; ನಾನು ನೆನೆಸುವುದು ಬೇರೊಂದರಲ್ಲಿ. ಮೀನಿಗೂ ಸಿಹಿಗೂ ಸೇತುವೆ ಕಟ್ಟುವುದು ಅದೇ ಆದ್ದರಿಂದ, ಅದನ್ನೂ ಇಲ್ಲಿ ಬಿಡಿಸಿ ಹೇಳುವುದಿಲ್ಲ.

ಜೇನಿನ ಬದಲು ಮಹಾಲಿಂಗಪುರದ ಬೆಲ್ಲ ಹಾಕುತ್ತೇನೆ, ಕಿಲೋ ರವೆಗೆ 50 ಗ್ರಾಂ ಸಾಕು. ಜೇನಿನ ಖರ್ಚು ಇದರ ಐದಾರು ಪಟ್ಟಾಗುತ್ತದೆ. ಬೆಲ್ಲವನ್ನು ಮೊದಲು ನಾಲಿಗೆಗೆ ಹಚ್ಚಿ ನೋಡಬೇಕು. ಉಪ್ಪುಪ್ಪಾದ ಬೆಲ್ಲ ಮೀನಿನ ಜೊತೆ ಬಹಳ ಎದ್ದು ಕಾಣುತ್ತದೆ.

ಸಿಗಡಿ ಮತ್ತು ಮೀನಿನ ಬಗ್ಗೆ ಹೆಚ್ಚು ಹೇಳಬೇಕಾಗಿಲ್ಲ. ಬೆಳಗಾವಿ ಕ್ಯಾಂಪಿನ ಮೀನು ಮಾರುಕಟ್ಟೆಗೆ ಗೋವಾ ಮತ್ತು ಕಾರವಾರದ ಕಡೆಯಿಂದ ಮಾಲು ಬರುತ್ತದೆ, ಮುಂಜಾನೆ ಬೇಗ ಹೋದವರಿಗೆ ಒಳ್ಳೆಯದು ಸಿಗುತ್ತದೆ. ಸಾರಿನಲ್ಲಿ ಬೇಯಿಸಿದ ಸಿಗಡಿ ಬಡಿಸುವ ಹೊತ್ತಿಗೆ ರಬ್ಬರಾಗುತ್ತದೆ. ಆದ್ದರಿಂದ ಅದನ್ನು ಬಡಿಸುವ ಜಾಗದಲ್ಲಿಯೇ ಕಾದ ತವೆಯ ಮೇಲೆ ಮಗ್ಗುಲಿಗೆ ಎರಡು ನಿಮಿಷ ಹುರಿದು, ಎರಡು ಸೌಟು ಬಿಸಿ ಸಾರು ಚೆಲ್ಲಿ ಇಳಿಸಬೇಕು. ತಿಸರಿಯನ್ನು (ಚಿಪ್ಪುಮೀನನ್ನು) ಬಾಯಿ ಬಿಡುವವರೆಗೆ ಮಾತ್ರ ಬೇಯಿಸಿ, ಅದರ ನೀರನ್ನು ಸೋಸಿ ಸಾರಿಗೆ ಸೇರಿಸಬೇಕು. ಆದರೆ ಆ ನೀರಿನಲ್ಲಿಯೇ ಉಪ್ಪಿರುವುದರಿಂದ ಸಾರಿನ ಉಪ್ಪನ್ನು ಕೊನೆಗೆ ನೋಡಬೇಕು.

ಲೆಕ್ಕ ಹೀಗಿದೆ. ನಡುಗಾತ್ರದ ಸಿಗಡಿ ಕಿಲೋಗೆ ₹450ರಿಂದ ₹500, ತಲೆ ಮತ್ತು ಸಿಪ್ಪೆ ತೆಗೆದರೆ ಉಳಿಯುವುದು 600 ಗ್ರಾಂ ಮುಟ್ಟುವುದಿಲ್ಲ. ತಟ್ಟೆಗೆ ಸಿಗಡಿ ₹65, ಸುರಮಾಯಿ ₹60, ತಿಸರಿ ₹15, ರವೆ ₹10ರ ಒಳಗೆ, ಉಳ್ಳಾಗಡ್ಡಿ ಮತ್ತು ದ್ರಾಕ್ಷಿ ₹25, ತುಪ್ಪ ಮತ್ತು ಬಾದಾಮಿ ₹20, ಗ್ಯಾಸು ಮತ್ತು ಕೂಲಿ ₹40. ಒಟ್ಟು ₹235ರ ಆಸುಪಾಸು ಬೀಳುವ ತಟ್ಟೆಗೆ ನಾನು ₹450 ಹೇಳುತ್ತೇನೆ, ಯಾರೂ ಚೌಕಾಸಿ ಮಾಡಿಲ್ಲ. ಒಬ್ಬ ಗುತ್ತಿಗೆದಾರ ಮಾತ್ರ ಊಟವಾದ ಮೇಲೆ "ಇದು ರವೆಯಲ್ಲವೇ" ಎಂದು ಮೂರನೆಯ ಒಂದು ಭಾಗ ಹಣ ಹಿಡಿದುಕೊಂಡರು. ಅಂದಿನಿಂದ ಮುಂಗಡವಾಗಿ ಅರ್ಧ ತೆಗೆದುಕೊಳ್ಳದೆ ರವೆ ನೆನೆಸುವುದಿಲ್ಲ.

ಈ ನಡುವೆ ಜೋಳ ಮತ್ತು ಸಜ್ಜೆಯ ಕಾಳನ್ನೂ ಕಟ್ಟಿ ನೋಡಿದ್ದೇನೆ. ಸೆನೆಗಲ್‌ನಲ್ಲಿ ಸಜ್ಜೆಯ ಕೂಸ್‌ಕೂಸ್ ಮಾಡುತ್ತಾರೆ, ಅಂಟಿಗೆ ಬಾವೋಬಾಬ್ ಮರದ ಎಲೆಯ ಪುಡಿ ಹಾಕುತ್ತಾರೆ. ಹಾವೇರಿ ಜಿಲ್ಲೆಯ ಸವಣೂರಿನಲ್ಲಿ ಜನ ನೋಡಲು ಹೋಗುವ, "ದೊಡ್ಡ ಹುಣಸೆ" ಎಂದು ಕರೆಯುವ ಮರಗಳು ಇದೇ ಜಾತಿಯವು, ಆದರೆ ಅಂಥ ಹಳೆಯ ಮರದ ಎಲೆಗೆ ಕೈ ಹಾಕುವ ಮನಸ್ಸು ನನಗಿಲ್ಲ. ಒಣಗಿಸಿದ ಬೆಂಡೆಕಾಯಿಯ ಪುಡಿ ಕಿಲೋಗೆ ಎರಡು ಚಮಚ ಹಾಕಿದಾಗ ಸಜ್ಜೆ ಚೆನ್ನಾಗಿ ಕಟ್ಟಿತು. ಜೋಳ ಮೂರನೆಯ ಹಬೆಗೆ ಒಡೆಯಿತು. ಸಜ್ಜೆಯ ಕಾಳಿಗೆ ತಾಜಾ ಸಿಗಡಿಗಿಂತ ಒಣ ಸಿಗಡಿಯೇ ಹೊಂದುತ್ತದೆ.

ಆ ಪ್ರಯೋಗ ಮಳೆಗಾಲದಲ್ಲಿ ನನಗೆ ನೆರವಾಗಿದೆ. ಪಶ್ಚಿಮ ಕರಾವಳಿಯಲ್ಲಿ ಜೂನ್ 1ರಿಂದ ಜುಲೈ 31ರವರೆಗೆ ಯಾಂತ್ರಿಕ ದೋಣಿಗಳ ಮೀನುಗಾರಿಕೆ ನಿಲ್ಲುತ್ತದೆ, ಸುರಮಾಯಿಯ ಬೆಲೆ ಏರುತ್ತದೆ, ಸಿಕ್ಕದ್ದೂ ಬಹುಪಾಲು ಮಂಜುಗಡ್ಡೆಯ ಹಳೆಯ ಮಾಲು. ಆ ಎರಡು ತಿಂಗಳು ತಾಜಾ ಮೀನಿನ ತಟ್ಟೆಗೆ ಆರ್ಡರ್ ಹಿಡಿಯುವುದಿಲ್ಲ. ಒಣ ಸಿಗಡಿಯನ್ನು ಹುರಿದು, ತಲೆ ಮತ್ತು ಬಾಲ ಮುರಿದು, ಬಿಸಿನೀರಿನಲ್ಲಿ ಕಾಲು ಗಂಟೆ ಇಟ್ಟು, ಅದರ ಸಾರಿನ ಮೇಲೆ ಸಜ್ಜೆಯ ಕಾಳನ್ನು ಬೇಯಿಸುತ್ತೇನೆ. ಒಣ ಸಿಗಡಿಯ ಉಪ್ಪು ಹೆಚ್ಚಿರುವುದರಿಂದ ಮೇಲಿನ ಉಳ್ಳಾಗಡ್ಡಿಗೆ ಉಪ್ಪು ಹಾಕದೆ, ಬೆಲ್ಲವನ್ನು 50 ಗ್ರಾಂನಿಂದ 80ಕ್ಕೆ ಏರಿಸುತ್ತೇನೆ. ತಟ್ಟೆಗೆ ₹280 ಹೇಳುತ್ತೇನೆ, ಖರ್ಚು ₹130 ದಾಟುವುದಿಲ್ಲ.